ಮಾರಾನಾಥಾ: ಹೇಗೆ ಹೇಳಬೇಕು, ಎಲ್ಲಿ ಹೇಳಬೇಕು

ಕಳೆದ ವರ್ಷ ಕ್ರಿಸ್‌ಮಸ್‌ಗೆ ಮುಂಚಿನ ಆಗಮನ ಕಾಲದ ಮೊದಲ ಭಾನುವಾರಕ್ಕೆ ನಮ್ಮ ಗುಳೇದಗುಡ್ಡದ ಚರ್ಚಿನ ಬಾಗಿಲ ಮೇಲೆ ಕಟ್ಟಲು ಒಂದು ಫ್ಲೆಕ್ಸ್ ಮಾಡಿಸಿದ್ದೆವು. ಅದರ ಮೇಲೆ ಒಂದೇ ಪದ ಇರಬೇಕಿತ್ತು, ಮಾರಾನಾಥಾ ಅಂತ. ನಾನು ಫೋನಿನಲ್ಲಿ ಬಾಯಿಮಾತಿನಲ್ಲಿ ಹೇಳಿದ್ದೆ, ಬರೆದು ಕಳಿಸಿರಲಿಲ್ಲ. ಶನಿವಾರ ಸಂಜೆ ಸುರುಳಿ ಬಿಚ್ಚಿ ನೋಡಿದರೆ ಕೆಂಪು ಅಕ್ಷರದಲ್ಲಿ ದೊಡ್ಡದಾಗಿ 'ಮರಣಾಥ' ಅಂತ ಬಂದಿತ್ತು. ಕಸ ಗುಡಿಸುತ್ತಿದ್ದ ಅಜ್ಜಿಯೊಬ್ಬರು ಕನ್ನಡಕ ಮೇಲೆ ಏರಿಸಿಕೊಂಡು ಓದಿ, 'ಕ್ರಿಸ್‌ಮಸ್ ಬರೂ ಹೊತ್ತಿನ್ಯಾಗ ಬಾಗಲಕ್ಕ ಮರಣ ಯಾಕ ಕಟ್ಟಾಕತ್ತೀರಿ?' ಅಂದರು.

ಬಿಳಿ ಹಾಳೆ ಅಂಟಿಸಿ, ಮಾರ್ಕರ್‌ನಲ್ಲಿ ತಿದ್ದಿದೆವು. ಆದರೆ ಅಜ್ಜಿ ಬಿಡಲಿಲ್ಲ, ಹಾಗಾದರೆ ಅದರ ಅರ್ಥ ಏನು ಅಂತ ಕೇಳಿದರು. 'ಕರ್ತನು ಬಂದಿದ್ದಾನೆ ಅಂತ' ಅಂದೆ ನಾನು. ಪಕ್ಕದಲ್ಲಿದ್ದ ನಮ್ಮ ಸಭಾಪಾಲಕರು 'ಕರ್ತನೇ ಬಾ ಅಂತ' ಅಂದರು. ಇಬ್ಬರೂ ಒಂದೇ ಸಲ ಹೇಳಿದೆವು, ಎರಡು ಬೇರೆ ಬೇರೆ ಉತ್ತರ. ಅವತ್ತಿನಿಂದ ಈ ಪದದ ಬೆನ್ನು ಹತ್ತಿದೆ. ಓದುವವರಿಗೆ, ಪ್ರಾರ್ಥನೆ ನಡೆಸುವವರಿಗೆ, ಸಂಡೇ ಸ್ಕೂಲಿನಲ್ಲಿ ಕಲಿಸುವವರಿಗೆ ಬೇಕಾಗುತ್ತೆ ಅಂತ ಇಲ್ಲಿ ಬರೆಯುತ್ತಿದ್ದೇನೆ.

ಮೊದಲು ಬೈಬಲ್ ತೆಗೆಯಿರಿ. 1 ಕೊರಿಂಥ 16:22, ಅಂದರೆ ಅಪೊಸ್ತಲ ಪೌಲ ಕೊರಿಂಥದ ಸಭೆಗೆ ಬರೆದ ಮೊದಲ ಪತ್ರದ 16ನೇ ಅಧ್ಯಾಯ, 22ನೇ ವಚನ. ಇಡೀ ಹೊಸ ಒಡಂಬಡಿಕೆಯಲ್ಲಿ ಈ ಪದ ಬರುವುದು ಈ ಒಂದೇ ಕಡೆ. ನಿಮ್ಮ ಕೈಲಿರುವ ಕನ್ನಡ ಬೈಬಲಿನಲ್ಲಿ ಮೂಲ ಪದವನ್ನೇ ಉಳಿಸಿದ್ದಾರಾ, ಅರ್ಥ ಮಾತ್ರ ಕೊಟ್ಟಿದ್ದಾರಾ, ಅಡಿಟಿಪ್ಪಣಿ ಇದೆಯಾ ಅಂತ ನೋಡಿಕೊಳ್ಳಿ. ಮನೆಯಲ್ಲಿ ಎರಡು ಅನುವಾದ ಇದ್ದರೆ ಎರಡನ್ನೂ ಪಕ್ಕಪಕ್ಕ ಇಟ್ಟು ನೋಡಿ, ಯಾಕೆಂದರೆ ಸಭೆಯಲ್ಲಿ ಒಬ್ಬರ ಬೈಬಲಿನಲ್ಲಿ ಒಂದು ಥರ ಇರುತ್ತೆ, ಇನ್ನೊಬ್ಬರದ್ದರಲ್ಲಿ ಇನ್ನೊಂದು ಥರ, ಆಮೇಲೆ ಪ್ರಶ್ನೆ ಬರುವುದು ನಿಮ್ಮ ಹತ್ತಿರವೇ. ಹಾಗೇ ಮೇಲಿನ ಸಾಲನ್ನೂ ಓದಿ. ಪತ್ರದ ಬಹುಪಾಲನ್ನು ಬೇರೆಯವರ ಕೈಲಿ ಬರೆಸಿದ ಪೌಲ, ಕೊನೆಗೆ 'ಇದು ನನ್ನ ಕೈಬರಹ' ಅಂತ ಹೇಳಿ ತಾನೇ ಬರೆದ ನಾಲ್ಕು ಸಾಲಿನಲ್ಲಿ ಈ ಪದ ಇದೆ. ಪತ್ರ ಪೂರ್ತಿ ಗ್ರೀಕ್. ಈ ಪದ ಮಾತ್ರ ಅರಾಮಿಕ್, ಅಂದರೆ ಯೇಸು ಮತ್ತು ಅವರ ಶಿಷ್ಯರು ಮನೆಯಲ್ಲಿ ಆಡುತ್ತಿದ್ದ ಭಾಷೆ.

ಕೊರಿಂಥದವರಿಗೆ ಅರಾಮಿಕ್ ಎಲ್ಲಿಂದ ಗೊತ್ತು? ಅವರು ಗ್ರೀಕ್ ಮಾತಾಡುವ ಜನ. ಆದರೂ ಪೌಲ ಅರ್ಥ ಬಿಡಿಸಿ ಹೇಳಲಿಲ್ಲ. ಅಂದರೆ ಯೆರೂಸಲೇಮಿನ ಕಡೆಯ ಮೊದಲ ವಿಶ್ವಾಸಿಗಳ ಪ್ರಾರ್ಥನೆಯಿಂದ ಹೊರಟ ಪದ ಸಮುದ್ರ ದಾಟಿ ಕೊರಿಂಥದ ಸಭೆಗೂ ಆಗಲೇ ಬಾಯಿಪಾಠ ಆಗಿತ್ತು. ಈ ಪತ್ರ ಬರೆದದ್ದು ಕ್ರಿ.ಶ. 55ರ ಆಸುಪಾಸು. ಯೇಸುವನ್ನು 'ನಮ್ಮ ಕರ್ತ' ಅಂತ ಕರೆದು ಪ್ರಾರ್ಥಿಸುವುದು ಎಷ್ಟು ಹಳೆಯದು ಅನ್ನುವುದಕ್ಕೆ ಈ ಒಂದು ಪದವೇ ಸಾಕ್ಷಿ. ನನಗೆ ಇದು ಸಣ್ಣ ವಿಷಯ ಅನ್ನಿಸುವುದಿಲ್ಲ. ನಮ್ಮ ನಾಲಿಗೆ ಮೇಲೆ ಬರುವ ಪ್ರಾರ್ಥನೆಯ ಮಾತುಗಳಲ್ಲಿ ಆ ಮೊದಲ ಜನರ ಸ್ವಂತ ಧ್ವನಿ ಉಳಿದಿರುವುದು ಕೆಲವೇ ಕೆಲವು ಪದಗಳಲ್ಲಿ.

ಈಗ ಪದ ಬಿಡಿಸೋಣ. 'ಮಾರ್' ಅಂದರೆ ಒಡೆಯ, ಕರ್ತ. ಈ ಪದ ನೀವು ಕೇಳಿಯೇ ಇರುತ್ತೀರಿ. ಕೇರಳದ ಮಾರ್ ತೋಮಾ ಸಭೆಯ ಹೆಸರಿನಲ್ಲಿರುವ ಮಾರ್ ಇದೇ, ಅಲ್ಲಿನ ಬಿಷಪ್ಪರ ಹೆಸರಿನ ಹಿಂದೆ ಗೌರವಕ್ಕೆ ಹಾಕುವುದೂ ಇದನ್ನೇ. ಅದಕ್ಕೆ 'ನಮ್ಮ' ಅನ್ನುವ ಪ್ರತ್ಯಯ ಸೇರಿದರೆ 'ಮಾರನ್' ಅಥವಾ 'ಮಾರನಾ', ಅಂದರೆ ನಮ್ಮ ಕರ್ತ. ಉಳಿದದ್ದು ಬರುವುದಕ್ಕೆ ಸಂಬಂಧಿಸಿದ ಕ್ರಿಯಾಪದ. ಜಗಳ ಇರುವುದು ಎಲ್ಲಿ ಕತ್ತರಿಸಬೇಕು ಅನ್ನುವುದರಲ್ಲಿ. 'ಮಾರನಾ ಥಾ' ಅಂತ ಬಿಡಿಸಿದರೆ 'ನಮ್ಮ ಕರ್ತನೇ, ಬಾ'. 'ಮಾರನ್ ಅಥಾ' ಅಂತ ಬಿಡಿಸಿದರೆ 'ನಮ್ಮ ಕರ್ತನು ಬಂದಿದ್ದಾನೆ'. ಹಳೆಯ ಗ್ರೀಕ್ ಕೈಬರಹಗಳಲ್ಲಿ ಪದಗಳ ನಡುವೆ ಜಾಗ ಬಿಡುತ್ತಿರಲಿಲ್ಲ, ಎಲ್ಲ ಅಕ್ಷರ ಸಾಲಾಗಿ ಕೂಡಿಸಿ ಬರೆಯುತ್ತಿದ್ದರು, ಹಾಗಾಗಿ ಅವುಗಳನ್ನು ನೋಡಿ ತೀರ್ಮಾನ ಮಾಡಲು ಆಗುವುದಿಲ್ಲ. ಮಕ್ಕಳಿಗೆ ಇದನ್ನು ಹೇಳುವಾಗ ನಾನು ಬೋರ್ಡಿನ ಮೇಲೆ 'ಕರಿಯಬೇಡ' ಅಂತ ಬರೆಯುತ್ತೇನೆ. ಬಜ್ಜಿ ಕರಿಯಬೇಡ ಅಂತಲೂ ಓದಬಹುದು, ಕರಿಯ ಅನ್ನುವ ಹುಡುಗನಿಗೆ 'ಕರಿಯಾ, ಬೇಡ' ಅಂದಂತೆಯೂ ಓದಬಹುದು. ತಕ್ಷಣ ಹಿಡಿಯುತ್ತಾರೆ.

ಎರಡರಲ್ಲಿ ಯಾವುದನ್ನು ಆರಿಸಬೇಕು? ಹಳಬರು ಜಾಸ್ತಿ 'ಬಂದಿದ್ದಾನೆ' ಅಂತಲೇ ಓದಿದರು. 4ನೇ ಶತಮಾನದ ಕೊನೆಯಲ್ಲಿ ಪ್ರಸಂಗಕ್ಕೆ ಹೆಸರಾಗಿದ್ದ ಯೋವಾನ್ನ ಕ್ರಿಸೊಸ್ತೊಮರೂ ಹಾಗೇ ವಿವರಿಸಿದರು. ಅರಾಮಿಕ್‌ನದೇ ಒಂದು ರೂಪವಾದ ಸಿರಿಯಾಕ್ ಭಾಷೆಯ ಬೈಬಲ್ ಪೆಶಿತ್ತಾದಲ್ಲೂ ಅದೇ ಅರ್ಥ ಬರುವಂತೆ ಬರೆದಿದೆ. ಇವತ್ತಿನ ಹೆಚ್ಚಿನ ಪಂಡಿತರು 'ಬಾ' ಅನ್ನುವ ಕಡೆ ಇದ್ದಾರೆ. ನಾನೂ ಅಲ್ಲೇ ನಿಲ್ಲುತ್ತೇನೆ, ಎರಡು ಕಾರಣಕ್ಕೆ. ಒಂದು, ಬೈಬಲಿನ ಕೊನೆಯ ಪುಸ್ತಕ ಪ್ರಕಟನೆಯ 22:20ರಲ್ಲಿ 'ಆಮೆನ್, ಕರ್ತನಾದ ಯೇಸುವೇ, ಬಾ' ಅನ್ನುವ ಕೂಗು ಇದೆ. ಅದು ಗ್ರೀಕಿನಲ್ಲಿದೆ, ಆದರೆ ಇದೇ ಅರಾಮಿಕ್ ಪದವನ್ನು ಗ್ರೀಕಿಗೆ ತಿರುಗಿಸಿದಂತೆಯೇ ಕೇಳುತ್ತೆ. ಎರಡನೆಯದು 'ದಿದಾಖೆ'.

ದಿದಾಖೆ ಬಗ್ಗೆ ಸ್ವಲ್ಪ ನಿಧಾನ ಮಾಡಿ ಹೇಳುತ್ತೇನೆ, ಯಾಕೆಂದರೆ ಪದವನ್ನು ಎಲ್ಲಿ ಬಳಸಬೇಕು ಅನ್ನುವುದಕ್ಕೆ ಉತ್ತರ ಅಲ್ಲೇ ಇದೆ. ಇದು ಆದಿ ಸಭೆಯ ಒಂದು ಕೈಪಿಡಿ. ದೀಕ್ಷಾಸ್ನಾನ ಹೇಗೆ, ಉಪವಾಸ ಯಾವತ್ತು, ರೊಟ್ಟಿ ಮತ್ತು ದ್ರಾಕ್ಷಾರಸ ಹಂಚುವ ಕರ್ತನ ಭೋಜನದಲ್ಲಿ ಏನು ಪ್ರಾರ್ಥನೆ, ಎಲ್ಲ ಅದರಲ್ಲಿದೆ. 1ನೇ ಶತಮಾನದ ಕೊನೆ ಅಥವಾ 2ನೇ ಶತಮಾನದ ಆರಂಭದ್ದು ಅನ್ನುತ್ತಾರೆ. ಬಹಳ ಕಾಲ ಇದು ಕಳೆದೇ ಹೋಗಿತ್ತು. 1873ರಲ್ಲಿ ಫಿಲೊಥೆಯೊಸ್ ಬ್ರಿಯೆನ್ನಿಯೊಸ್ ಅನ್ನುವ ಗ್ರೀಕ್ ಧರ್ಮಗುರುವಿಗೆ ಕಾನ್‌ಸ್ಟಾಂಟಿನೋಪಲ್‌ನ ಒಂದು ಗ್ರಂಥಾಲಯದಲ್ಲಿ ಇದರ ಪ್ರತಿ ಸಿಕ್ಕಿತು. 1056ರಲ್ಲಿ ನಕಲು ಮಾಡಿದ ಪ್ರತಿ ಅದು. 1883ರಲ್ಲಿ ಅಚ್ಚಾಯಿತು. ಅದರ 10ನೇ ಅಧ್ಯಾಯದಲ್ಲಿ, ಊಟ ಆದ ಮೇಲಿನ ಕೃತಜ್ಞತೆಯ ಪ್ರಾರ್ಥನೆಯ ಕೊನೆಗೆ ಹೀಗಿದೆ: ಕೃಪೆ ಬರಲಿ, ಈ ಲೋಕ ಅಳಿದು ಹೋಗಲಿ, ದಾವೀದನ ದೇವರಿಗೆ ಹೊಸನ್ನ, ಪರಿಶುದ್ಧನಾದವನು ಬರಲಿ, ಅಲ್ಲದವನು ಪಶ್ಚಾತ್ತಾಪ ಪಡಲಿ, ಮಾರಾನಾಥಾ, ಆಮೆನ್. 'ಬರಲಿ, ಬರಲಿ' ಅನ್ನುತ್ತಾ ಹೋಗುವ ಪ್ರಾರ್ಥನೆ ಕೊನೆಗೆ 'ಬಾ' ಅಂತ ಮುಗಿಯುವುದೇ ಸಹಜ, ಅಲ್ವಾ?

ಹಾಗಾಗಿ ಈ ಪದದ ಸ್ವಂತ ಜಾಗ ಕರ್ತನ ಭೋಜನ. ಸಿಎಸ್‌ಐ (ದಕ್ಷಿಣ ಭಾರತ ಸಭೆ) ಆರಾಧನಾ ಕ್ರಮದಲ್ಲಿ ಸಭೆ ಎಲ್ಲ ಒಟ್ಟಿಗೆ ಕರ್ತನ ಮರಣವನ್ನು ನೆನೆದು, ಪುನರುತ್ಥಾನವನ್ನು ಅರಿಕೆ ಮಾಡಿ, ಎರಡನೆಯ ಬರೋಣವನ್ನು ಎದುರುನೋಡುತ್ತೇವೆ ಅಂತ ಹೇಳುವ ಸಾಲು ಇದೆಯಲ್ಲ, ಅದರ ಕೊನೆಯ ಮಾತಿಗೂ ಮಾರಾನಾಥಾಕ್ಕೂ ಅರ್ಥ ಒಂದೇ. ಆ ಸಾಲನ್ನು ನೀವಾಗಿ ಬದಲಿಸಬೇಡಿ. ಸಭಾಪಾಲಕರು ಒಪ್ಪಿದರೆ ರೊಟ್ಟಿ ಮತ್ತು ಪಾತ್ರೆ ಎಲ್ಲರಿಗೂ ಮುಟ್ಟಿದ ಮೇಲೆ, ಕೃತಜ್ಞತೆಯ ಪ್ರಾರ್ಥನೆಯ ಕೊನೆಗೆ, ನಡೆಸುವವರು 'ಮಾರಾನಾಥಾ' ಅನ್ನಲಿ, ಸಭೆ 'ನಮ್ಮ ಕರ್ತನೇ, ಬಾ' ಅನ್ನಲಿ. ಕಥೋಲಿಕ ಬಂಧುಗಳ ಜೊತೆ ಪ್ರಾರ್ಥನೆ ಇದ್ದರೆ ಅವರ ರೂಢಿಯಂತೆ 'ಪ್ರಭುವೇ, ಬನ್ನಿ' ಅಂತ ಬರೆದುಕೊಳ್ಳಿ. ಅವರು ಬಹುವಚನದಲ್ಲಿ ಗೌರವ ಕೊಡುತ್ತಾರೆ, ನಾವು ಏಕವಚನದಲ್ಲಿ ಸಲಿಗೆ ಇಟ್ಟುಕೊಂಡಿದ್ದೇವೆ, ಎರಡೂ ಸರಿ.

ಆಗಮನ ಕಾಲದ ನಾಲ್ಕು ಭಾನುವಾರಗಳಿಗೂ ಇದು ಚೆನ್ನಾಗಿ ಒಪ್ಪುತ್ತೆ. ನವೆಂಬರ್ 30ಕ್ಕೆ ಹತ್ತಿರದ ಭಾನುವಾರ ಆಗಮನ ಕಾಲ ಶುರು. ಅದು ಬರೀ ಕ್ರಿಸ್‌ಮಸ್ ತಯಾರಿ ಅಲ್ಲ, ಕರ್ತನು ಮತ್ತೆ ಬರುವುದನ್ನು ಕಾಯುವ ಕಾಲವೂ ಹೌದು. ಆವಾಗ 'ಬಂದಿದ್ದಾನೆ' ಮತ್ತು 'ಬಾ' ಎರಡೂ ಅರ್ಥ ಬೇಕಾಗುತ್ತವೆ. ಅಜ್ಜಿಗೆ ಕೊನೆಗೆ ನಾವು ಹೇಳಿದ್ದೂ ಅದನ್ನೇ: ಒಂದು ಸಲ ಬಂದವನನ್ನು ಮತ್ತೆ ಕರೆಯುತ್ತಿದ್ದೇವೆ. ಸಮಾಧಿಯ ಹತ್ತಿರ ಹೇಳುವುದಾದರೆ ಮಾತ್ರ ಕನ್ನಡದ ಅರ್ಥವನ್ನು ಮೊದಲು ಹೇಳಿ, ಆಮೇಲೆ ಪದ. ಯಾಕೆ ಅಂತ ಫ್ಲೆಕ್ಸಿನ ಕಥೆ ಓದಿದವರಿಗೆ ಹೇಳಬೇಕಿಲ್ಲ.

ಉಚ್ಚಾರದಲ್ಲಿ ಕನ್ನಡದವರಿಗೆ ಮೂರು ಕಡೆ ಕಾಲು ಜಾರುತ್ತೆ. ಮೊದಲನೆಯದು ಮರಣ. 'ಮಾ' ದೀರ್ಘ ಇರಲಿ, 'ನಾ' ಹಲ್ಲಿಗೆ ನಾಲಿಗೆ ತಾಗಿಸಿ ಬರಲಿ, 'ಣ' ಬೇಡವೇ ಬೇಡ. ಎರಡನೆಯದು ನಾಥ. ವಿಶ್ವನಾಥ, ಮಂಜುನಾಥ ಕೇಳಿದ ಕಿವಿಗೆ ಮಾರಾನಾಥಾ ಕೂಡ 'ನಾಥ' ಅಂತಲೇ ಕೇಳುತ್ತೆ. ಒಬ್ಬರು ಪ್ರಸಂಗದಲ್ಲಿ 'ನಾಥ ಅಂದರೆ ಒಡೆಯ, ಆದ್ದರಿಂದಲೇ ಇದು ಕರ್ತನ ಹೆಸರು' ಅಂತ ವಿವರಿಸಿದ್ದನ್ನು ನಾನೇ ಕೇಳಿದ್ದೇನೆ. ಒಡೆಯ ಅನ್ನುವ ಅರ್ಥ ಪದದಲ್ಲಿ ಇದೆ, ಆದರೆ ಅದು ಮೊದಲ ಭಾಗದ 'ಮಾರ್'ನಲ್ಲಿದೆ, ಕೊನೆಯಲ್ಲಿಲ್ಲ. ಸಂಸ್ಕೃತದ ನಾಥನಿಗೂ ಇದಕ್ಕೂ ಸಂಬಂಧ ಇಲ್ಲ. ಮೂರನೆಯದು ತಾ. 'ಥಾ' ಅನ್ನುವುದನ್ನು 'ತಾ' ಅಂತ ಹೇಳಿದರೆ ತಪ್ಪೇನಿಲ್ಲ, ಆದರೆ ನಮ್ಮ ಮಕ್ಕಳ ಕಿವಿಗೆ ಅದು 'ನೀರು ತಾ' ಅಂದ ಹಾಗೆ ಕೇಳುತ್ತೆ. ಬರೆಯುವಾಗ 'ಥಾ' ಅಂತ ಬರೆಯಿರಿ, ಹೇಳುವಾಗ 'ಮಾರಾನಾ' ಆದ ಮೇಲೆ ಒಂದು ಕೂದಲೆಳೆಯಷ್ಟು ತಡೆದು 'ಥಾ' ಅನ್ನಿ. ಅರಾಮಿಕ್‌ನಲ್ಲಿ ಥಾ ಒಂದೇ ಅಕ್ಷರ, ಕನ್ನಡದಲ್ಲಿ ಬಾ ಕೂಡ ಒಂದೇ ಅಕ್ಷರ. ಸಂಡೇ ಸ್ಕೂಲಿನಲ್ಲಿ ನಾನು ಕೈ ಬೀಸಿ ಕರೆಯುತ್ತಾ 'ಥಾ' ಅಂದೆ, ಎರಡನೇ ಸಲಕ್ಕೆ ಹಿಂದಿನ ಸಾಲಿನ ಪುಟ್ಟ ಹುಡುಗಿ ಎದ್ದು ಬಂದು ಮುಂದೆ ನಿಂತಳು.

ಇನ್ನೊಂದು ಎಚ್ಚರ. ಇದನ್ನು ಶಾಪದ ಮಾತಾಗಿ ಬಳಸಬೇಡಿ. ಅದೇ ವಚನದಲ್ಲಿ ಕರ್ತನನ್ನು ಪ್ರೀತಿಸದವನು 'ಅನಾಥೆಮ' ಆಗಲಿ ಅಂತ ಇದೆ, ಅಂದರೆ ಶಾಪಗ್ರಸ್ತನಾಗಲಿ. ಅದರ ಬೆನ್ನಿಗೇ ಮಾರಾನಾಥಾ ಬರುತ್ತೆ. 1611ರ ಕಿಂಗ್ ಜೇಮ್ಸ್ ಇಂಗ್ಲಿಷ್ ಬೈಬಲಿನಲ್ಲಿ ಎರಡು ಪದವನ್ನೂ ನಡುವೆ ನಿಲ್ಲಿಸದೆ ಒಟ್ಟಿಗೆ ಹಾಕಿದ್ದರಿಂದ, ಇದೇನೋ ಎರಡು ಪಟ್ಟು ಘೋರ ಶಾಪ ಅಂತ ಎಷ್ಟೋ ಜನ ತಿಳಿದರು. ಓದುವಾಗ ಅನಾಥೆಮದ ಹತ್ತಿರ ಪೂರ್ಣವಿರಾಮ ಕೊಟ್ಟು ಉಸಿರು ತೆಗೆದುಕೊಳ್ಳಿ. ಆಮೇಲೆ ಧ್ವನಿ ಬದಲಿಸಿ. ಮೊದಲನೆಯದು ಎಚ್ಚರಿಕೆ, ಎರಡನೆಯದು ಕರೆಯುವ ಮಾತು.

'ಕನ್ನಡದಲ್ಲೇ ಹೇಳಿದರೆ ಸಾಲದಾ?' ಅಂತ ಕೇಳುವವರು ಇದ್ದೇ ಇರುತ್ತಾರೆ, ಮತ್ತು ಅದು ನ್ಯಾಯವಾದ ಪ್ರಶ್ನೆ. ಬಾಸೆಲ್ ಮಿಷನ್‌ನವರು 1851ರಲ್ಲಿ ಗುಳೇದಗುಡ್ಡದಲ್ಲಿ ನೆಲೆ ನಿಂತಾಗಿನಿಂದ ಇಲ್ಲಿನ ಹಿರಿಯರು ಕನ್ನಡದಲ್ಲೇ ಹಾಡಿ, ಕನ್ನಡದಲ್ಲೇ ಅತ್ತು ಪ್ರಾರ್ಥಿಸಿದವರು. ಸುಮ್ನೆ ಹೊಸ ಪದ ತಂದು ಅವರ ಬಾಯಿಗೆ ತುರುಕುವುದು ಸರಿಯಲ್ಲ. ಆದರೆ ಆಮೆನ್, ಹಲ್ಲೆಲೂಯಾ, ಹೊಸನ್ನ ಇವೂ ಬೇರೆ ನಾಡಿನ ಪದಗಳೇ, ಅವನ್ನು ಯಾರೂ ತೆಗೆಯಿರಿ ಅನ್ನುವುದಿಲ್ಲ. ಗ್ರೀಕ್ ಬಲ್ಲ ಪೌಲನೇ ಈ ಪದವನ್ನು ಅನುವಾದ ಮಾಡದೆ ಹಾಗೇ ಇಟ್ಟ. ನನ್ನ ಅಭಿಪ್ರಾಯ ಇಷ್ಟು: ಪದ ಇರಲಿ, ಪಕ್ಕದಲ್ಲೇ ಕನ್ನಡವೂ ಇರಲಿ, ಒಂದನ್ನು ಬಿಟ್ಟು ಇನ್ನೊಂದು ಬೇಡ. ಆರಾಧನೆಯ ಹಾಳೆ ಟೈಪ್ ಮಾಡುವಾಗ ಒಂದೇ ಕಾಗುಣಿತ ಹಿಡಿದುಕೊಳ್ಳಿ. ಒಂದು ಕಡೆ ಮಾರನಾಥ, ಇನ್ನೊಂದು ಕಡೆ ಮರಾನಾತ ಅಂತ ಬಂದರೆ ಜನ ಎರಡು ಬೇರೆ ಪದ ಅಂದುಕೊಳ್ಳುತ್ತಾರೆ.

ಒಬ್ಬರೇ ಕೂತು ಪ್ರಾರ್ಥಿಸುವಾಗಲೂ ಇದು ಬಳಕೆಗೆ ಬರುತ್ತೆ. ಜಾನ್ ಮೇನ್ ಅನ್ನುವ, ಕಥೋಲಿಕರ ಬೆನೆಡಿಕ್ಟೈನ್ ಪಂಥದ ಸನ್ಯಾಸಿ, 1926ರಿಂದ 1982ರವರೆಗೆ ಬದುಕಿದ್ದವರು, ಮೌನ ಪ್ರಾರ್ಥನೆಗೆ ಇದೇ ಪದವನ್ನು ಸೂಚಿಸಿದರು. 1950ರ ದಶಕದಲ್ಲಿ ಮಲಯಾದಲ್ಲಿ (ಇಂದಿನ ಮಲೇಷ್ಯಾ) ಕೆಲಸದಲ್ಲಿದ್ದಾಗ ಸ್ವಾಮಿ ಸತ್ಯಾನಂದ ಅನ್ನುವವರಿಂದ ಒಂದು ಪದ ಹಿಡಿದು ಧ್ಯಾನ ಮಾಡುವುದನ್ನು ಅವರು ಕಲಿತಿದ್ದರು. ಮೇನ್ ಹೇಳಿಕೊಟ್ಟ ವಿಧಾನ ಸರಳ. ಬೆನ್ನು ನೆಟ್ಟಗೆ ಮಾಡಿ ಕೂರಿ, ಕಣ್ಣು ಮುಚ್ಚಿ, ಮಾ-ರಾ-ನಾ-ಥಾ ಅಂತ ನಾಲ್ಕು ಅಕ್ಷರಕ್ಕೂ ಒಂದೇ ಅಳತೆ ಕೊಟ್ಟು ಮನಸ್ಸಿನಲ್ಲೇ ಹೇಳಿ, ಬೆಳಿಗ್ಗೆ 20 ನಿಮಿಷ, ಸಂಜೆ 20 ನಿಮಿಷ. ಮನಸ್ಸು ಬೇರೆ ಕಡೆ ಹೋದರೆ ಬೈದುಕೊಳ್ಳಬೇಡಿ, ಪದಕ್ಕೆ ವಾಪಸ್ ಬನ್ನಿ.

ನಮ್ಮ ಸಭೆಯಲ್ಲಿ ಖಣ ನೇಯುವ ಹಿರಿಯರೊಬ್ಬರಿದ್ದಾರೆ. ಕಣ್ಣು ಮುಚ್ಚಿ ಕೂರಲು ಅವರಿಗೆ ಪುರುಸೊತ್ತಿಲ್ಲ. ಅವರ ಕೈಮಗ್ಗದ ಪಕ್ಕ ಒಂದು ಮಧ್ಯಾಹ್ನ ಕೂತಿದ್ದೆ. ಲಾಳಿ ಆ ಕಡೆ ಹೋಗುವಾಗ ತುಟಿ ಅಲುಗುತ್ತಿತ್ತು, ಈ ಕಡೆ ಬರುವಾಗ ಮತ್ತೆ ಅಲುಗುತ್ತಿತ್ತು. ಏನು ಹೇಳ್ತಿದ್ದೀರಿ ಅಂತ ಕೇಳಿದೆ. 'ಹೋಗಾಗ ಮಾರಾನಾ, ಬರಾಗ ಥಾ' ಅಂದರು, ಕೈ ನಿಲ್ಲಿಸದೆ.