ಒಲೆ ರೊಟ್ಟಿಗೆ ಬಿಡಿ, ಸಾಸೇಜ್ ಓವನ್‌ಗೆ ಹಾಕಿ

ಇಬ್ಬರಿಗೆ ನಾಲ್ಕು ಸಾಸೇಜ್ ಬೇಕು ಅಂದ್ರೆ ಓವನ್ ಮುಟ್ಟಲೇಬೇಡಿ. ಕಾವಲಿ ಸಾಕು. ಅಷ್ಟಕ್ಕೆ ಓವನ್ ಕಾಯಿಸುವುದು ಸುಮ್ನೆ ಕರೆಂಟ್ ದಂಡ.

ಆದರೆ ಭಾನುವಾರ ಬೆಳಿಗ್ಗೆ ಬೆಂಗಳೂರಿನಿಂದ ಬಂದ ನೆಂಟರು ಎಂಟು ಹತ್ತು ಜನ ತೋಟದ ಮನೆಯಲ್ಲಿ ಸೇರಿದ್ದಾರೆ, ಒಂದು ಒಲೆ ಮೇಲೆ ಅಕ್ಕಿ ರೊಟ್ಟಿ, ಇನ್ನೊಂದರ ಮೇಲೆ ಕಡುಬಿನ ಪಾತ್ರೆ, ನಡುವೆ ಯಾರೋ ಬಂದು ಕಾಫಿಗೆ ಹಾಲು ಕಾಯಿಸಲು ಜಾಗ ಕೇಳುತ್ತಿದ್ದಾರೆ ಅಂದಾಗ ಲೆಕ್ಕ ಬೇರೆ. ಮೂಡಿಗೆರೆ, ಕೊಪ್ಪ, ಸಕಲೇಶಪುರದ ಕಡೆ ಹೋಂಸ್ಟೇ ನಡೆಸುವವರಿಗೆ ಇದು ಸೀಸನ್ ಪೂರ್ತಿ ಇರುವ ಕಥೆ. ಕಾವಲಿಯಲ್ಲಿ ಒಂದು ಸಲಕ್ಕೆ ಆರೇಳು ಸಾಸೇಜ್ ಹಿಡಿಯಬಹುದು, ಅದನ್ನೂ ನಿಂತುಕೊಂಡು ಉರುಳಿಸುತ್ತಲೇ ಇರಬೇಕು, ಕೊಬ್ಬು ಸಿಡಿದು ಕೈಯೆಲ್ಲ ಚುರುಚುರು. ಓವನ್‌ನಲ್ಲಾದರೆ ಒಂದೇ ಟ್ರೇನಲ್ಲಿ ಹದಿನೈದು ಇಪ್ಪತ್ತು ಬೇಯುತ್ತವೆ. ನಡುವೆ ಒಂದು ಸಲ ತಿರುಗಿಸಿದರೆ ಆಯ್ತು, ಉಳಿದ ಹೊತ್ತು ನೀವು ರೊಟ್ಟಿ ತಟ್ಟಿಕೊಂಡು ಇರಬಹುದು.

ಮೊದಲು ನಿಮ್ಮ ಕೈಯಲ್ಲಿರುವ ಸಾಸೇಜ್ ಯಾವ ಥರದ್ದು ಅಂತ ನೋಡಿಕೊಳ್ಳಿ, ಯಾಕೆಂದರೆ ಸಮಯ ಪೂರ್ತಿ ಅದರ ಮೇಲೆಯೇ ನಿಂತಿದೆ. ಹಾಸನ, ಚಿಕ್ಕಮಗಳೂರಿನ ಅಂಗಡಿ ಫ್ರೀಜರ್‌ನಲ್ಲಿ ಸಿಗುವ ಚಿಕನ್ ಸಾಸೇಜ್ ಪ್ಯಾಕೆಟ್‌ಗಳಲ್ಲಿ ಬಹುಪಾಲು ಮೊದಲೇ ಬೆಂದಿರುತ್ತವೆ. ಮುಟ್ಟಿದರೆ ಗಟ್ಟಿ, ಮೇಲೆ ಸಿಪ್ಪೆ ಕೂಡ ಇರುವುದಿಲ್ಲ. ಇವನ್ನು ಬಿಸಿ ಮಾಡಿ ಕೆಂಪಗೆ ಮಾಡುವುದಷ್ಟೇ ನಿಮ್ಮ ಕೆಲಸ. ಹಸಿ ಸಾಸೇಜ್ ಹಾಗಲ್ಲ. ಒತ್ತಿದರೆ ಮೆತ್ತಗೆ ಬಗ್ಗುತ್ತದೆ, ಕರುಳಿನ ಅಥವಾ ಕೊಲಾಜನ್‌ನ (ಪ್ರಾಣಿಗಳ ಚರ್ಮದಿಂದ ತೆಗೆಯುವ ಪ್ರೋಟೀನ್) ತೆಳು ಚೀಲದಲ್ಲಿ ಕೊಚ್ಚಿದ ಮಾಂಸ ತುಂಬಿರುತ್ತಾರೆ, ಒಳಗಿರುವುದು ಪೂರ್ತಿ ಹಸಿ. ಅಮೆರಿಕದಲ್ಲಿ ಬ್ರೇಕ್‌ಫಾಸ್ಟ್ ಸಾಸೇಜ್ ಅಂತ ತಿನ್ನುವುದು ಇದನ್ನೇ. ಬೆರಳು ಗಾತ್ರದ ಹಂದಿ ಮಾಂಸದ ಸಾಸೇಜ್, ಒಳಗೆ ಸೇಜ್ ಅನ್ನುವ ಘಮಘಮ ಎಲೆ, ಕರಿಮೆಣಸು, ಕೊಂಚ ಸಿಹಿ. ಇಂಗ್ಲಿಷರದ್ದು ಇನ್ನೂ ದಪ್ಪ, ಅದರಲ್ಲಿ ಬ್ರೆಡ್ ಪುಡಿಯೂ ಸೇರಿರುತ್ತದೆ. ಪ್ಯಾಕೆಟ್ ಹಿಂದೆ ಬೇಯಿಸಿದ್ದೋ ಹಸಿಯೋ ಅಂತ ಬರೆದಿರುತ್ತಾರೆ, ಕನ್ನಡಕ ಹಾಕಿಕೊಂಡಾದರೂ ಓದಿ. ಗೊತ್ತಾಗದಿದ್ದರೆ ಹಸಿ ಅಂತಲೇ ತಿಳಿದುಕೊಂಡು ಬೇಯಿಸಿ. ಗೋವಾದ ಖಾರದ ಹಂದಿ ಸಾಸೇಜ್ ಚೋರಿಸ್ ಇದ್ದರೆ ಅದನ್ನು ಇದರ ಜೊತೆ ಸೇರಿಸಬೇಡಿ. ಅದರ ವಿನೆಗರ್, ಮಸಾಲೆ ಬಾಣಲೆಯಲ್ಲಿ ಈರುಳ್ಳಿ, ಆಲೂಗಡ್ಡೆ ಜೊತೆ ಬೆಂದರೇ ಚೆನ್ನ.

ಫ್ರೀಜರ್‌ನಿಂದ ತೆಗೆದದ್ದನ್ನು ಹಿಂದಿನ ರಾತ್ರಿಯೇ ಫ್ರಿಜ್‌ನ ಕೆಳಗಿನ ಅರೆಗೆ ಇಳಿಸಿ, ಅಡಿಯಲ್ಲಿ ಒಂದು ತಟ್ಟೆ ಇಡಿ. ನಮ್ಮಲ್ಲಿ ಮಳೆಗಾಲದಲ್ಲಿ ಅಡುಗೆಮನೆಯೇ ಫ್ರಿಜ್ ಥರ ತಣ್ಣಗಿರುತ್ತದೆ, ಹೊರಗಿಟ್ಟರೆ ಏನಾಗುತ್ತೆ ಅಂತ ಕೇಳುವವರಿದ್ದಾರೆ. ಬೇಡ. ಕೈಗೆ ತಣ್ಣಗನ್ನಿಸುವುದು ಬೇರೆ, ಮಾಂಸ ಕೆಡದೆ ಇರುವಷ್ಟು ತಣ್ಣಗಿರುವುದು ಬೇರೆ. ಫ್ರಿಜ್ 4 ಡಿಗ್ರಿ ಹತ್ತಿರ ಇರುತ್ತದೆ, ಜುಲೈ ತಿಂಗಳಿನಲ್ಲೂ ನಿಮ್ಮ ಅಡುಗೆಮನೆ ಅದರ ಹತ್ತಿರಕ್ಕೂ ಬರುವುದಿಲ್ಲ.

ಈಗ ಓವನ್. ಮನೆಗಳಲ್ಲಿ ಓವನ್ ಅಂದರೆ ಸಾಮಾನ್ಯವಾಗಿ ಓಟಿಜಿ, ಅಂದರೆ ಓವನ್, ಟೋಸ್ಟರ್, ಗ್ರಿಲ್ ಮೂರೂ ಸೇರಿದ ಸಣ್ಣ ಕರೆಂಟ್ ಓವನ್. ಅದಕ್ಕೆ ದೊಡ್ಡ ಪ್ಲಗ್ ಪಾಯಿಂಟ್ ಬೇಕು, 16 ಆಂಪ್‌ನದ್ದು. ಮೊಬೈಲ್ ಚಾರ್ಜ್ ಮಾಡುವ ಸಣ್ಣ ಪಾಯಿಂಟ್‌ಗೆ ಎಕ್ಸ್‌ಟೆನ್ಷನ್ ಬಾಕ್ಸ್ ಎಳೆದು ಹಾಕಿದರೆ ವೈರ್ ಬಿಸಿಯಾಗಿ ವಾಸನೆ ಬರುತ್ತದೆ. ಮನೆ ಇನ್ವರ್ಟರ್ ಮೇಲೂ ಇದನ್ನು ಓಡಿಸುವ ಆಸೆ ಬೇಡ. ಮೈಕ್ರೋವೇವ್ ಇದ್ದರೆ ಅದರಲ್ಲಿ ಕನ್ವೆಕ್ಷನ್, ಅಂದರೆ ಬಿಸಿ ಗಾಳಿ ಸುತ್ತಿಸಿ ಬೇಯಿಸುವ ಮೋಡ್, ಇದೆಯಾ ನೋಡಿ. ಇದ್ದರೆ ಆ ಮೋಡ್‌ನಲ್ಲಿ ಮಾಡಬಹುದು. ಬರೀ ಮೈಕ್ರೋ ಮೋಡ್‌ನಲ್ಲಿ ಇಟ್ಟರೆ ಸಾಸೇಜ್ ಬಿಸಿಯೇನೋ ಆಗುತ್ತದೆ, ಬಣ್ಣ ಬರುವುದಿಲ್ಲ, ಕೆಲವು ಸಲ ಪಟ್ ಅಂತ ಸಿಡಿಯುತ್ತವೆ.

ಓಟಿಜಿಯಲ್ಲಿ ಮೇಲಿನ, ಕೆಳಗಿನ ಎರಡೂ ರಾಡ್ ಹಾಕಿ, ಫ್ಯಾನ್ ಇದ್ದರೆ ಅದನ್ನೂ ಹಾಕಿ, 200 ಡಿಗ್ರಿಗೆ ಇಟ್ಟು ಹತ್ತು ಹದಿನೈದು ನಿಮಿಷ ಖಾಲಿ ಕಾಯಲು ಬಿಡಿ. ಅಷ್ಟರಲ್ಲಿ ಟ್ರೇ ತಯಾರಿ. ಟ್ರೇ ಮೇಲೆ ಅಲ್ಯೂಮಿನಿಯಂ ಫಾಯಿಲ್ ಹಾಸಿ, ಇಲ್ಲವೇ ಬೇಕಿಂಗ್ ಪೇಪರ್. ತಿಂಡಿ ಕಟ್ಟುವ ತೆಳು ಬಟರ್ ಪೇಪರ್ ಹಾಕಬೇಡಿ, ಅಷ್ಟು ಬಿಸಿಗೆ ಅದು ತಡೆಯುವುದಿಲ್ಲ. ಓವನ್ ಜೊತೆ ಬಂದ ತಂತಿ ಜಾಲರಿಯನ್ನು ಟ್ರೇ ಮೇಲೆ ಕೂರಿಸಿ ಸಾಸೇಜ್‌ಗಳನ್ನು ಅದರ ಮೇಲಿಟ್ಟರೆ ಕೊಬ್ಬು ಕೆಳಗೆ ಸೋರುತ್ತದೆ, ಬಿಸಿ ಗಾಳಿ ಅಡಿಗೂ ಹೋಗುತ್ತದೆ. ಜಾಲರಿ ಇಲ್ಲದಿದ್ದರೂ ನಡೆಯುತ್ತದೆ, ಆಗ ಟ್ರೇಗೆ ತಾಗುವ ಭಾಗ ಜಾಸ್ತಿ ಕೆಂಪಾಗುತ್ತದೆ. ನನಗೆ ಅದೇ ಇಷ್ಟ, ನಿಜ ಹೇಳಬೇಕೆಂದರೆ.

ಸಾಸೇಜ್ ನಡುವೆ ಒಂದು ಬೆರಳಿನಷ್ಟು ಜಾಗ ಇರಲಿ. ಇದೊಂದನ್ನು ಜನ ಕೇಳುವುದೇ ಇಲ್ಲ, ಹಿಡಿದಷ್ಟೂ ತುರುಕುತ್ತಾರೆ. ಒತ್ತಾಗಿಟ್ಟರೆ ಅವುಗಳಿಂದ ಬರುವ ನೀರು ಆವಿಯಾಗಿ ಹೋಗಲು ದಾರಿಯಿಲ್ಲ, ಹುರಿಯುವ ಬದಲು ಹಬೆಯಲ್ಲಿ ಬೆಂದು ಬಿಳಿಚಿಕೊಂಡು ಬರುತ್ತವೆ. ಜನ ಜಾಸ್ತಿ ಇದ್ದರೆ ಎರಡು ಸಲ ಮಾಡಿ.

ಮತ್ತೆ, ಚುಚ್ಚಬೇಡಿ. ಫೋರ್ಕ್‌ನಲ್ಲಿ ತೂತು ಮಾಡದಿದ್ದರೆ ಒಡೆದುಹೋಗುತ್ತವೆ ಅಂತ ಹೇಳುವವರು ಎಲ್ಲ ಮನೆಯಲ್ಲೂ ಒಬ್ಬರಿರುತ್ತಾರೆ, ಅಲ್ವಾ? ಸಾಸೇಜ್ ಒಡೆಯುವುದು ಬಿಸಿ ಒಮ್ಮೆಲೇ ಜಾಸ್ತಿಯಾದಾಗ. 200ರಲ್ಲಿ ಇಟ್ಟರೆ ಆ ಭಯ ಕಡಿಮೆ. ತೂತು ಮಾಡಿದರೆ ರಸ, ಕೊಬ್ಬು ಎಲ್ಲ ಟ್ರೇಗೆ ಇಳಿದು ಒಳಗೆ ಒಣ ಪುಡಿ ಉಳಿಯುತ್ತದೆ. ಮೊದಲು ನೀರಿನಲ್ಲಿ ಕುದಿಸಿಕೊಂಡು ಆಮೇಲೆ ಓವನ್‌ಗೆ ಹಾಕುವ ಪದ್ಧತಿಯೂ ಇದೆ, ನಾನು ಒಪ್ಪುವುದಿಲ್ಲ. ರುಚಿ ನೀರಿಗೆ ಹೋಗುತ್ತದೆ, ಆ ನೀರನ್ನು ಚೆಲ್ಲುತ್ತೀರಿ.

ಬೆರಳು ಗಾತ್ರದ ಹಸಿ ಸಾಸೇಜ್‌ಗೆ 20ರಿಂದ 25 ನಿಮಿಷ, ದಪ್ಪದ್ದಕ್ಕೆ 25ರಿಂದ 30. ಅರ್ಧ ಸಮಯ ಆದಾಗ ಇಕ್ಕಳದಲ್ಲಿ ತಿರುಗಿಸಿ. ಆಗಲೇ ಟ್ರೇಯನ್ನೂ ಹಿಂದುಮುಂದು ಮಾಡಿ, ಯಾಕೆಂದರೆ ಸಣ್ಣ ಓಟಿಜಿಗಳಲ್ಲಿ ಹಿಂಬದಿ ಒಂದು ಬಿಸಿ, ಬಾಗಿಲ ಹತ್ತಿರ ಇನ್ನೊಂದು ಬಿಸಿ. ಮೊದಲೇ ಬೆಂದ ಚಿಕನ್ ಸಾಸೇಜ್‌ಗೆ 180 ಡಿಗ್ರಿಯಲ್ಲಿ ಹತ್ತು ಹನ್ನೆರಡು ನಿಮಿಷ ಸಾಕು. ಅವುಗಳಲ್ಲಿ ಕೊಬ್ಬು ಕಡಿಮೆ, ಹಾಗಾಗಿ ಇಡುವ ಮೊದಲು ಮೇಲೆ ತೆಳ್ಳಗೆ ಎಣ್ಣೆ ಸವರಿ. ಇಲ್ಲದಿದ್ದರೆ ಸುಕ್ಕುಗಟ್ಟಿ ರಬ್ಬರ್ ಆಗುತ್ತವೆ.

ಬೆಂದಿದೆಯಾ ಅಂತ ಬಣ್ಣ ನೋಡಿ ಹೇಳುವುದು ಕಷ್ಟ. ಹೊರಗೆ ಕೆಂಪಾಗಿ ಒಳಗೆ ಹಸಿ ಇರಬಹುದು. ಮಾಂಸ ಕೆಡದಂತೆ ನೈಟ್ರೈಟ್ ಅನ್ನುವ ಲವಣ ಹಾಕಿದ ಸಾಸೇಜ್ ಪೂರ್ತಿ ಬೆಂದರೂ ಒಳಗೆ ಗುಲಾಬಿ ಬಣ್ಣದಲ್ಲೇ ಇರುತ್ತದೆ. ಚುಚ್ಚಿ ನೋಡುವ ಅಡುಗೆ ಥರ್ಮಾಮೀಟರ್ ಆನ್‌ಲೈನ್‌ನಲ್ಲಿ ಕೆಲವು ನೂರು ರೂಪಾಯಿಗೆ ಸಿಗುತ್ತದೆ, ಒಂದು ತರಿಸಿಕೊಳ್ಳಿ. ಸಾಸೇಜ್‌ನ ತುದಿಯಿಂದ ಉದ್ದಕ್ಕೆ, ನಡುಭಾಗ ಮುಟ್ಟುವ ಹಾಗೆ ಚುಚ್ಚಿ. ಈಗ ಚುಚ್ಚಿದರೆ ಪರವಾಗಿಲ್ಲ, ಒಂದನ್ನು ತಾನೇ. ಹಂದಿ ಮಾಂಸಕ್ಕೆ 71 ಡಿಗ್ರಿ, ಕೋಳಿಗೆ 74 ಡಿಗ್ರಿ ತೋರಿಸಬೇಕು. ಥರ್ಮಾಮೀಟರ್ ಇಲ್ಲದಿದ್ದರೆ ಎಲ್ಲಕ್ಕಿಂತ ದಪ್ಪದ್ದನ್ನು ಅಡ್ಡಕ್ಕೆ ಕತ್ತರಿಸಿ ನೋಡಿ. ನಡುವೆ ಮೆತ್ತಗೆ ಅಂಟಂಟಾಗಿದ್ದರೆ, ಬರುವ ರಸ ಕೆಂಪಗಿದ್ದರೆ ಇನ್ನೂ ಐದು ನಿಮಿಷ. ಹಂದಿ ಮಾಂಸದ ವಿಷಯದಲ್ಲಿ ಇದನ್ನು ಹಗುರವಾಗಿ ತೆಗೆದುಕೊಳ್ಳಬೇಡಿ. ಊರಲ್ಲಿ ಬಿಟ್ಟು ಸಾಕಿದ ಹಂದಿಯ ಮಾಂಸ ಅರೆಬೆಂದಿದ್ದರೆ ಅದರಿಂದ ಲಾಡಿಹುಳ ಹೊಟ್ಟೆ ಸೇರಬಹುದು. ಇಡಿಯಾದ ತುಂಡಿಗಿಂತ ಕೊಚ್ಚಿದ ಮಾಂಸದಲ್ಲಿ ಅಪಾಯ ಜಾಸ್ತಿ, ಹೊರಮೈಯಲ್ಲಿದ್ದ ರೋಗಾಣುಗಳೂ ಒಳಗೆ ಸೇರಿರುತ್ತವೆ.

ನಡುವೆ ಕರೆಂಟ್ ಹೋದರೆ? ಮಲೆನಾಡಿನಲ್ಲಿ ಜೂನ್‌ನಿಂದ ಆಗಸ್ಟ್‌ವರೆಗೆ ಈ ಪ್ರಶ್ನೆ ಇಲ್ಲದೆ ಓವನ್ ಅಡುಗೆಯೇ ಇಲ್ಲ. ಬಾಗಿಲು ತೆಗೆಯಬೇಡಿ. ಐದು ಹತ್ತು ನಿಮಿಷದಲ್ಲಿ ಬಂದರೆ ಒಳಗಿನ ಬಿಸಿಯಲ್ಲೇ ಬೇಯುತ್ತಿರುತ್ತದೆ, ಸಮಯ ಸ್ವಲ್ಪ ಕೂಡಿಸಿಕೊಂಡರಾಯ್ತು. ಮರ ಬಿದ್ದಿದೆ, ಲೈನ್‌ಮ್ಯಾನ್ ಬರಬೇಕು ಅಂತ ಸುದ್ದಿ ಬಂದರೆ ಕಾಯಬೇಡಿ. ಅಗಲ ಬಾಣಲೆಗೆ ಹಾಕಿ, ಎರಡು ಚಮಚ ನೀರು ಚಿಮುಕಿಸಿ, ಮುಚ್ಚಿ ಸಣ್ಣ ಉರಿಯಲ್ಲಿ ಬೇಯಿಸಿ, ಕೊನೆಗೆ ಮುಚ್ಚಳ ತೆಗೆದು ಕೆಂಪಗೆ ಮಾಡಿ. ಅರೆಬೆಂದದ್ದನ್ನು ಮಧ್ಯಾಹ್ನಕ್ಕೆ ಅಂತ ಎತ್ತಿಡುವುದು ಮಾತ್ರ ಬೇಡ.

ಹಸಿ ಸಾಸೇಜ್ ನಮ್ಮ ಕಡೆ ಎಲ್ಲ ಅಂಗಡಿಯಲ್ಲೂ ಸಿಗುವುದಿಲ್ಲ. ಹಾಗಾಗಿ ನಾನು ಚೀಲದ ಗೊಡವೆಗೇ ಹೋಗದೆ ತಟ್ಟಿ ಮಾಡುವ ಪ್ಯಾಟಿಯನ್ನೇ ಜಾಸ್ತಿ ಮಾಡುತ್ತೇನೆ, ಅಮೆರಿಕದವರೂ ಬೆಳಗಿನ ತಿಂಡಿಗೆ ಇದನ್ನು ತಿನ್ನುತ್ತಾರೆ. ಒಂದು ಕಿಲೋ ಹಂದಿ ಮಾಂಸ ಕೈಮಾ ಮಾಡಿಸಿ. ಕಾಲು ಭಾಗಕ್ಕೂ ಸ್ವಲ್ಪ ಜಾಸ್ತಿ ಕೊಬ್ಬು ಇರಲಿ ಅಂತ ಅಂಗಡಿಯವರಿಗೆ ಬಾಯಿಬಿಟ್ಟು ಹೇಳಿ, ಇಲ್ಲದಿದ್ದರೆ ಒಳ್ಳೆಯದು ಕೊಡಬೇಕು ಅಂತ ಬರೀ ಕೆಂಪು ಮಾಂಸ ಹಾಕಿಕೊಡುತ್ತಾರೆ, ಅದರಲ್ಲಿ ಮಾಡಿದರೆ ಒಣಗಿದ ಬಿಲ್ಲೆ. 16 ಗ್ರಾಂ ಉಪ್ಪು, ಅಂದರೆ ಮಟ್ಟಸ ಮೂರು ಟೀ ಚಮಚಕ್ಕೆ ಕೊಂಚ ಕಡಿಮೆ. ಎರಡು ಚಮಚ ಕರಿಮೆಣಸು, ಆಗಲೇ ಕುಟ್ಟಿದ್ದು, ತರಿತರಿಯಾಗಿ. ಜನವರಿಯಿಂದ ಮಾರ್ಚ್ ನಡುವೆ ಸಿಲ್ವರ್ ಓಕ್ ಮರದ ಬಳ್ಳಿಯಿಂದ ಕೊಯ್ದು ಅಂಗಳದಲ್ಲಿ ಒಣಗಿಸಿದ ಮೆಣಸು ಮನೆಯಲ್ಲಿರುವಾಗ ಡಬ್ಬಿಯ ಪುಡಿ ಯಾಕೆ ಹೇಳಿ. ಒಂದು ದೊಡ್ಡ ಚಮಚ ಬೆಲ್ಲದ ಪುಡಿ, ಸ್ವಲ್ಪ ಶುಂಠಿ. ಸೇಜ್ ಒಣ ಎಲೆ ಸಿಕ್ಕರೆ ಎರಡು ಚಮಚ, ಸಿಗದಿದ್ದರೆ ಹಿತ್ತಲಿನ ದೊಡ್ಡಪತ್ರೆ ಮೂರು ನಾಲ್ಕು ಎಲೆ ಸಣ್ಣಗೆ ಹೆಚ್ಚಿ ಹಾಕಿ. ರುಚಿ ಸೇಜ್‌ನದ್ದಲ್ಲ, ಆದರೂ ಹಂದಿ ಕೊಬ್ಬಿಗೆ ಅದರ ಘಾಟು ಚೆನ್ನಾಗಿ ಹೊಂದುತ್ತದೆ.

ಮಾಂಸ ಫ್ರಿಜ್‌ನಿಂದ ತೆಗೆದ ತಣುವಿನಲ್ಲೇ ಕಲಸಿ. ಎರಡು ಮೂರು ನಿಮಿಷ ಚೆನ್ನಾಗಿ ನಾದಿದರೆ ಕೈಗೆ ಅಂಟಲು ಶುರುವಾಗುತ್ತದೆ. ಉಪ್ಪು ಮಾಂಸದಿಂದ ಪ್ರೋಟೀನ್ ಬಿಡಿಸುವುದರಿಂದ ಬರುವ ಅಂಟು ಅದು, ಅದಿಲ್ಲದಿದ್ದರೆ ಬೇಯುವಾಗ ಪುಡಿಪುಡಿ. ಹಸಿಯಾಗಿ ರುಚಿ ನೋಡಬೇಡಿ. ನಿಂಬೆ ಬೀಜದಷ್ಟು ಅಲ್ಲ, ಒಂದು ತುತ್ತಿನಷ್ಟು ಕಾವಲಿಯಲ್ಲಿ ಬೇಯಿಸಿ ಉಪ್ಪು ನೋಡಿ. ರಾತ್ರಿಯೇ ಕಲಸಿ ಫ್ರಿಜ್‌ನಲ್ಲಿಟ್ಟರೆ ಬೆಳಿಗ್ಗೆ ರುಚಿ ಇನ್ನೂ ಮೇಲು. ಒಂದೂವರೆ ಸೆಂಟಿಮೀಟರ್ ದಪ್ಪಕ್ಕೆ ತಟ್ಟಿ ನಡುವೆ ಹೆಬ್ಬೆರಳಿನಿಂದ ಕೊಂಚ ಒತ್ತಿ, ಇಲ್ಲದಿದ್ದರೆ ಬೇಯುವಾಗ ನಡುಭಾಗ ಉಬ್ಬುತ್ತದೆ. 200 ಡಿಗ್ರಿ, 18ರಿಂದ 20 ನಿಮಿಷ, ಒಂದು ಸಲ ಮಗುಚಿ. ಒಳಗಿನ ಬಿಸಿಯ ಲೆಕ್ಕ ಇದಕ್ಕೂ ಅದೇ 71.

ಕೆಳಗೆ ಸೋರುವ ಕೊಬ್ಬನ್ನು ಸುಮ್ನೆ ಬಿಡಬೇಡಿ. ಜಾಲರಿ ಕೆಳಗಿನ ಟ್ರೇಗೆ ಮುಕ್ಕಾಲು ಬೆಂದ ಆಲೂಗಡ್ಡೆ ಹೋಳು, ದಪ್ಪಗೆ ಹೆಚ್ಚಿದ ಈರುಳ್ಳಿ, ಚಿಟಿಕೆ ಉಪ್ಪು ಹಾಕಿಟ್ಟರೆ ಮೇಲಿನ ಕೊಬ್ಬು ಅದರ ಮೇಲೆ ಬೀಳುತ್ತಾ ಎರಡೂ ಒಟ್ಟಿಗೆ ಆಗುತ್ತವೆ. ಸಾಸೇಜ್ ತೆಗೆದ ಮೇಲೆ ಆಲೂಗಡ್ಡೆಯನ್ನು ಇನ್ನೊಂದು ಹತ್ತು ನಿಮಿಷ ಬಿಡಿ. ಮಕ್ಕಳು ಸಾಸೇಜ್ ಬಿಟ್ಟು ಇದಕ್ಕೇ ಕೈ ಹಾಕುತ್ತಾರೆ.

ಬ್ರೆಡ್ಡು, ಮೊಟ್ಟೆ ಇದ್ದೇ ಇದೆ. ನನ್ನ ಮಟ್ಟಿಗೆ ಬಿಸಿ ಅಕ್ಕಿ ರೊಟ್ಟಿ, ಸೂಜಿಮೆಣಸು ಅರೆದ ಕಾಯಿ ಚಟ್ನಿ, ಪಕ್ಕದಲ್ಲಿ ಎರಡು ಪ್ಯಾಟಿ. ಕಡುಬಿನ ಜೊತೆ ಅಷ್ಟು ಕೂಡುವುದಿಲ್ಲ, ಕಡುಬಿಗೆ ಸಾರು ಇರಲೇಬೇಕು.

ಉಳಿದದ್ದನ್ನು ಎರಡು ಗಂಟೆಯೊಳಗೆ ಫ್ರಿಜ್‌ಗೆ ಸೇರಿಸಿ, ಮೂರು ದಿನದೊಳಗೆ ತಿಂದು ಮುಗಿಸಿ. ತಿನ್ನುವಾಗ ಹಬೆ ಬರುವಷ್ಟು ಬಿಸಿ ಮಾಡಬೇಕು. ಟ್ರೇನಲ್ಲಿ ಕೊಬ್ಬು ಮಿಕ್ಕಿದ್ದರೆ ಸಿಂಕ್‌ಗೆ ಸುರಿಯಬೇಡಿ, ತಣ್ಣಗಾಗಿ ಪೈಪ್‌ನಲ್ಲಿ ಮೇಣದ ಹಾಗೆ ಕೂರುತ್ತದೆ. ಸೋಸಿ ಸಣ್ಣ ಬಾಟಲಿಯಲ್ಲಿ ಫ್ರಿಜ್‌ನಲ್ಲಿಡಿ, ನಾಳೆ ಮೊಟ್ಟೆ ಹುರಿಯಲು ಬರುತ್ತದೆ. ಬೇಡ ಅನ್ನಿಸಿದರೆ ಗಟ್ಟಿಯಾಗಲು ಬಿಟ್ಟು ಫಾಯಿಲ್ ಸಮೇತ ಸುತ್ತಿ ಕಸಕ್ಕೆ ಹಾಕಿ, ನಾಯಿ ಎಳೆಯದ ಹಾಗೆ ಮುಚ್ಚಳ ಭದ್ರ ಮಾಡಿ.