ಯೋಶಿವಾರಾ ನಡಿಗೆ: ಮುಂಬೈಯ ಕನ್ನಡ ಗುಂಪಿಗೆ ದಾರಿ ತೋರಿಸುವವರಿಗಾಗಿ

ಮುಂಬೈಯಿಂದ ಟೋಕಿಯೊಗೆ ಹೋಗುವ ಗುಂಪುಗಳೆಲ್ಲ ಅಸಾಕುಸಾದ ಸೆನ್ಸೊಜಿ ದೇವಸ್ಥಾನಕ್ಕೆ ಹೋಗೇ ಹೋಗುತ್ತವೆ. ಅದರ ಹಿಂಬದಿಯಿಂದ ಉತ್ತರಕ್ಕೆ ಹದಿನೈದಿಪ್ಪತ್ತು ನಿಮಿಷ ನಡೆದರೆ ಯೋಶಿವಾರಾ. 1657ರಿಂದ 1958ರ ತನಕ ಹೆಣ್ಣಿನ ವ್ಯಾಪಾರ ನಡೆದ ಜಾಗ ಇದು. ಮೊದಲು ಸರ್ಕಾರದ ಪರವಾನಗಿ ಇತ್ತು. 1946ರಲ್ಲಿ ಆ ಪದ್ಧತಿ ಹೋದ ಮೇಲೆ ಪೊಲೀಸರ ನಕ್ಷೆಯ ಕೆಂಪು ಗೆರೆಯೊಳಗೆ ಮುಂದುವರಿಯಿತು. 1945ಕ್ಕೆ ಮೊದಲಿನ ವೇಶ್ಯಾಗೃಹ ಒಂದೂ ಇವತ್ತು ನೋಡಲು ಸಿಗುವುದಿಲ್ಲ. ಮತ್ತೆ ಮತ್ತೆ ಬಿದ್ದ ಬೆಂಕಿ, 1923ರ ಭೂಕಂಪ, 1945ರ ಬಾಂಬು ದಾಳಿ ಎಲ್ಲವನ್ನೂ ಒರೆಸಿ ಹಾಕಿವೆ. ಉಳಿದಿರುವುದು ನೆಲ ಮಾತ್ರ: ರಸ್ತೆಯ ಒಂದು ತಿರುವು, ಎರಡು ಮೂರು ಮೆಟ್ಟಿಲಿನ ಇಳಿಜಾರು, ಮುಚ್ಚಿದ ಕೊಳದ ಒಂದು ಮೂಲೆ. ಗೈಡ್ ಆಗುವವರು ಆ ನೆಲವನ್ನು ಓದಿಸಲು ಕಲಿತಿರಬೇಕು.

ಹೊರಡುವ ಮೊದಲು, ಮುಂಬೈಯಲ್ಲೇ

"ನಮ್ಮ ಕಾಮಾಟಿಪುರದ ಹಾಗೆಯಾ?" ಮೊದಲ ಹತ್ತು ನಿಮಿಷದಲ್ಲೇ ಈ ಪ್ರಶ್ನೆ ಬರುತ್ತದೆ. ಉತ್ತರ ಇಲ್ಲಿಂದಲೇ ಸಿದ್ಧವಾಗಿರಲಿ. ಕಾಮಾಟಿಪುರಕ್ಕೆ ಹೆಸರು ಬಂದದ್ದು ತೆಲುಗು ಸೀಮೆಯಿಂದ ಕಟ್ಟಡದ ಕೆಲಸಕ್ಕೆ ಬಂದ ಕಾಮಾಟಿಗಳಿಂದ. ದಂಧೆ ಬಂದು ಸೇರಿದ್ದು ಆಮೇಲೆ. ಅದಕ್ಕೆ ಗೋಡೆ ಇಲ್ಲ, ಕಂದಕ ಇಲ್ಲ. ಬೆಲಾಸಿಸ್ ರೋಡಿನಿಂದ ಹೊಕ್ಕು ಯಾವ ಗಲ್ಲಿಯಿಂದ ಬೇಕಾದರೂ ಹೊರಬೀಳಬಹುದು. ಯೋಶಿವಾರಾವನ್ನು ಸರ್ಕಾರವೇ ಚೌಕಾಕಾರದಲ್ಲಿ ಅಳೆದು, ಸುತ್ತ ನೀರಿನ ಕಂದಕ ತೋಡಿಸಿ, ಒಂದೇ ಒಂದು ಬಾಗಿಲು ಇಟ್ಟು ಕಟ್ಟಿತು. ಉದ್ದ ಸುಮಾರು 350 ಮೀಟರ್, ಅಗಲ 250 ಮೀಟರಿಗೆ ತುಸು ಹೆಚ್ಚು. ಹೆಚ್ಚುಕಮ್ಮಿ ಓವಲ್ ಮೈದಾನದಷ್ಟು ಎಂದರೆ ಗುಂಪಿಗೆ ತಕ್ಷಣ ಅಂದಾಜು ಸಿಗುತ್ತದೆ. ಅಷ್ಟರೊಳಗೆ ಕಾಲಕಾಲಕ್ಕೆ ಎರಡು ಸಾವಿರದಿಂದ ಐದು ಸಾವಿರದ ತನಕ ಹೆಣ್ಣುಮಕ್ಕಳಿದ್ದರು.

ಎರಡನೆಯ ತಯಾರಿ ಮಾತಿನದು. ಯೋಶಿವಾರಾದ ಹೆಣ್ಣಿಗೆ ಜಪಾನಿ ಮಾತು 'ಯೂಜೊ'. ಅದನ್ನೇ ಬಳಸಿ. 'ಗೇಷಾ' ಎನ್ನಬೇಡಿ; ಗೇಷಾ ಹಾಡು, ಕುಣಿತ, ವಾದ್ಯದವಳು, ಯೋಶಿವಾರಾದಲ್ಲಿ ಅವರ ಲೆಕ್ಕವೇ ಬೇರೆ ಇತ್ತು. ಚಿತ್ರಗಳಲ್ಲಿ ಗುರುತು ಹಿಡಿಯಲು ಸೊಂಟಪಟ್ಟಿಯ ಗಂಟು ನೋಡಿ: ಮುಂದೆ ಕಟ್ಟಿದ್ದರೆ ಮೇಲಿನ ದರ್ಜೆಯ ಯೂಜೊ, ಅಂದರೆ ಒಯಿರಾನ್, ಹಿಂದೆ ಕಟ್ಟಿದ್ದರೆ ಗೇಷಾ. ಇನ್ನು, ಬೆಳಗಾವಿ, ಬಾಗಲಕೋಟೆ ಕಡೆಯ ಹೆಣ್ಣುಮಕ್ಕಳು ಯಲ್ಲಮ್ಮನ ಹೆಸರಿನಲ್ಲಿ ಮುಂಬೈಯ ಗಲ್ಲಿಗಳಿಗೆ ಬಂದು ಬಿದ್ದದ್ದು ನಮ್ಮವರಿಗೆಲ್ಲ ಗೊತ್ತು. ಹಾಗಾಗಿ ಯಾರಾದರೊಬ್ಬರು "ದೇವದಾಸಿ ಪದ್ಧತಿ ಅನ್ನಿ" ಎಂದು ಒಂದೇ ಮಾತಿನಲ್ಲಿ ಮುಗಿಸಲು ನೋಡುತ್ತಾರೆ. ಅದು ತಪ್ಪು. ಇಲ್ಲಿ ದೇವರಿಗೆ ಬಿಡುವ ಮಾತೇ ಇಲ್ಲ. ತಂದೆತಾಯಿಗೆ ಮುಂಗಡ ಕೊಟ್ಟು, ಹತ್ತು ವರ್ಷದ ಕರಾರು ಬರೆಸಿಕೊಂಡು, ಬಟ್ಟೆ, ಹಾಸಿಗೆಗಳ ಖರ್ಚನ್ನೂ ಅದೇ ಸಾಲಕ್ಕೆ ಸೇರಿಸುತ್ತ ಹೋಗುವುದು. ಇದಕ್ಕೆ ಕನ್ನಡದಲ್ಲಿ ಸರಿಯಾದ ಮಾತು ಇದೆ: ಜೀತ. ಈ ಒಂದು ಶಬ್ದ ಕೈಯಲ್ಲಿದ್ದರೆ ನಡಿಗೆಯ ಅರ್ಧ ವಿವರಣೆ ತಾನಾಗಿ ಮುಗಿಯುತ್ತದೆ.

ಮೂರನೆಯದು ಒಂದು ತಪ್ಪು ಕತೆ. ಇಪ್ಪತ್ತನೆಯ ಶತಮಾನದ ಮೊದಲ ದಶಕಗಳಲ್ಲಿ ಕಾಮಾಟಿಪುರದ ಆಸುಪಾಸಿನಲ್ಲಿ ಜಪಾನಿ ಹೆಂಗಸರೂ ಇದ್ದದ್ದು ನಿಜ. ಆದರೆ ಅವರು ಯೋಶಿವಾರಾದಿಂದ ಬಂದವರು ಎನ್ನುವುದು ಕಲ್ಪನೆ. ಹಾಗೆ ಕಡಲು ದಾಟಿದವರಿಗೆ 'ಕರಾಯುಕಿ-ಸಾನ್' ಎಂಬ ಹೆಸರು; ಅವರಲ್ಲಿ ಹೆಚ್ಚಿನವರು ದಕ್ಷಿಣದ ಕ್ಯೂಶು ದ್ವೀಪದ ಶಿಮಾಬಾರಾ, ಅಮಾಕುಸಾ ಕಡೆಯ ಬಡ ಹಳ್ಳಿಗಳವರು.

ತಾಲೀಮು ಬೇಕೆಂದು ಗುಂಪನ್ನು ಕಾಮಾಟಿಪುರ ನೋಡಲು ಕರೆದೊಯ್ಯಬೇಡಿ. ಅಲ್ಲಿರುವವರು ನಮ್ಮ ತಾಲೀಮಿನ ಸಾಮಗ್ರಿಯಲ್ಲ. ಒಂದು ರವಿವಾರ ಬೆಳಿಗ್ಗೆ ನರಿಮನ್ ಪಾಯಿಂಟ್‌ನಿಂದ ಗಿರಗಾಂವ್ ಚೌಪಾಟಿಗೆ ನಡೆಸಿ. ಯೋಶಿವಾರಾ ನಡಿಗೆ ಇದಕ್ಕಿಂತ ತುಸು ಉದ್ದ, ಮೂರೂವರೆ ಕಿಲೋಮೀಟರಿನ ಅಂದಾಜು. ನಡುವೆ ಯಾರು ಕಟ್ಟೆ ಹುಡುಕಿ ಕೂರುತ್ತಾರೆ ಎಂದು ನೋಡಿಕೊಳ್ಳಿ. ಮರೀನ್ ಡ್ರೈವಿನ ಕಟ್ಟೆ ಟೋಕಿಯೊದಲ್ಲಿ ಸಿಗುವುದಿಲ್ಲ.

ಹಣದ ವಿಷಯ ಒಂದೇ ಮಾತು: ಪ್ರವಾಸಿ ವೀಸಾದಲ್ಲಿ ಹೋದವರು ಅಲ್ಲಿ ದುಡ್ಡು ಪಡೆದು ಗೈಡ್ ಕೆಲಸ ಮಾಡುವಂತಿಲ್ಲ. ಪರಿಚಿತರ ಗುಂಪಿಗೆ ಸುಮ್ಮನೆ ದಾರಿ ತೋರಿಸಿ, ಇಲ್ಲವೇ ಅಲ್ಲಿನ ಗೈಡ್ ಗೊತ್ತುಮಾಡಿ ನೀವು ಕನ್ನಡದಲ್ಲಿ ವಿವರಿಸಿ.

ಯಾವಾಗ, ಎಷ್ಟು ಜನ

ಬೆಳಿಗ್ಗೆ 8.30ಕ್ಕೆ ಮಿನೋವಾ ಸ್ಟೇಶನ್ನಿನಲ್ಲಿ ಸೇರಿ. ಸೋಮವಾರ ಬೇಡ, ನಡಿಗೆಯ ಕೊನೆಗೆ ನೋಡುವ ಇಚಿಯೊ ಮ್ಯೂಸಿಯಂ ಮುಚ್ಚಿರುತ್ತದೆ. ಆರರಿಂದ ಎಂಟು ಜನ ಸಾಕು. ಮುಂದೆ ನೀವು, ಹಿಂದೆ ಒಬ್ಬರು. ಅದಕ್ಕಿಂತ ಹೆಚ್ಚಾದರೆ ಕಿರಿದಾದ ರಸ್ತೆಯಲ್ಲಿ ಗುಂಪು ಹರಡಿಕೊಳ್ಳುತ್ತದೆ, ನೀವು ದನಿ ಎತ್ತಬೇಕಾಗುತ್ತದೆ. ದನಿ ಎತ್ತಿದ ಕೂಡಲೇ ಸುತ್ತಲಿನವರಿಗೆ ಇದು ಮೆರವಣಿಗೆ ಆಗಿಬಿಡುತ್ತದೆ.

ಸಂಜೆ ಯಾಕೆ ಬೇಡ ಎಂದರೆ, 1958ರ ಏಪ್ರಿಲ್ 1ರಿಂದ ವೇಶ್ಯಾವಾಟಿಕೆ ತಡೆ ಕಾನೂನಿನ ಶಿಕ್ಷೆಗಳು ಜಾರಿಗೆ ಬಂದ ಮೇಲೆ ಇಲ್ಲಿನ ಮನೆಗಳು ಸ್ನಾನಗೃಹದ ಹೆಸರು ಹೊತ್ತವು. ಮೊದಲು 'ತೊರುಕೊ' ಎಂದಿತ್ತು, ಅಂದರೆ ಟರ್ಕಿಶ್. ಟರ್ಕಿಯವರು ಆಕ್ಷೇಪ ಎತ್ತಿದ್ದಕ್ಕೆ 1984ರಲ್ಲಿ 'ಸೋಪ್‌ಲ್ಯಾಂಡ್' ಆಯಿತು. ಅವು ಇವತ್ತಿಗೂ ನಡೆಯುತ್ತಿವೆ. ಕಪ್ಪು ಸೂಟಿನ ಗಂಡಸರು ಬಾಗಿಲಲ್ಲಿ ನಿಂತಿರುತ್ತಾರೆ. ಬೆಳಿಗ್ಗೆಯೂ ಇರುತ್ತಾರೆ, ಆದರೆ ಕಡಿಮೆ. ಗಂಡಸು ಒಬ್ಬನೇ ಹಿಂದುಳಿದರೆ ಕರೆಯುತ್ತಾರೆ. ತಲೆ ತುಸು ಬಾಗಿಸಿ ಮುಂದೆ ನಡೆದರೆ ಆಯಿತು, ನಿಂತು ಉತ್ತರ ಕೊಡುವುದು ಬೇಡ.

ಫೋಟೊ ವಿಷಯದಲ್ಲಿ ರಿಯಾಯಿತಿ ಇಲ್ಲ. ಯೋಶಿವಾರಾದ ದೊಡ್ಡ ಬಾಗಿಲಿನ ಜಾಗ ದಾಟಿದಲ್ಲಿಂದ ಇನ್ನೊಂದು ತುದಿಯ ಯೋಶಿವಾರಾ ದೇವಸ್ಥಾನದ ತನಕ ಮೊಬೈಲ್ ಜೇಬಿನಲ್ಲಿರಲಿ. ಅಂಗಡಿ ಬೋರ್ಡು, ನಿಂತ ಕಾರು, ಒಳಗೆ ಹೋಗುವ ಹೆಂಗಸು, ಯಾವುದೂ ಬೇಡ. ಹೆಚ್ಚಿನ ಜಗಳಗಳು ಹುಟ್ಟುವುದು ಇಲ್ಲೇ, ಅದೂ ಸೆಲ್ಫಿಯ ಹಿನ್ನೆಲೆಯಲ್ಲಿ ಯಾರೋ ಬಂದುಬಿಡುವುದರಿಂದ.

ಮ್ಯಾಪಿನಲ್ಲಿ ಬರೀ 'ಯೋಶಿವಾರಾ' ಎಂದು ಹುಡುಕಬೇಡಿ. ಶಿಜುಒಕಾ ಪ್ರಾಂತದ ಫುಜಿ ಪಟ್ಟಣದಲ್ಲಿ ಅದೇ ಹೆಸರಿನ ರೈಲ್ವೆ ಸ್ಟೇಶನ್ ಇದೆ. ನೂರು ಕಿಲೋಮೀಟರಿಗೂ ದೂರ. ಟೋಕಿಯೊದ ವಿಳಾಸಗಳಲ್ಲಿ ಯೋಶಿವಾರಾ ಎಂಬ ಹೆಸರೇ ಈಗಿಲ್ಲ, ಪ್ರದೇಶದ ಹೆಸರು ಸೆನ್‌ಜೊಕು. 'ಯೋಶಿವಾರಾ ಜಿಂಜಾ' ಎಂದು ದೇವಸ್ಥಾನದ ಹೆಸರು ಹಾಕಿ. ನಕ್ಷೆ ದೊಡ್ಡದು ಮಾಡಿ ನೋಡಿದರೆ ಸುತ್ತಲಿನ ರಸ್ತೆಗಳ ನಡುವೆ ಒಂದು ಚೌಕ ಮಾತ್ರ ಓರೆಯಾಗಿ ಕೂತಿರುವುದು ಕಾಣುತ್ತದೆ. ಅದೇ. ಯಾವ ಮನೆಯಲ್ಲೂ ಉತ್ತರಕ್ಕೆ ತಲೆಯಿಟ್ಟು ಮಲಗುವಂತಾಗಬಾರದೆಂದು ಹಾಗೆ ಓರೆ ಮಾಡಿದರು ಎಂಬ ಮಾತಿದೆ. ನಮ್ಮ ಅಜ್ಜಿಯಂದಿರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಮೊದಲು ಗೋರಿ, ಆಮೇಲೆ ಬಾಗಿಲು

ಜೋಕನ್‌ಜಿಯನ್ನು ಕೊನೆಗೆ ಇಟ್ಟುಕೊಳ್ಳುವುದೇ ರೂಢಿ. ಮೊದಲು ಅಲ್ಲಿಗೇ ಹೋಗಿ. ಮಿನೋವಾ ಸ್ಟೇಶನ್ನಿನಿಂದ ಎರಡು ಮೂರು ನಿಮಿಷದ ದಾರಿ. 1655ರಲ್ಲಿ ಸ್ಥಾಪನೆಯಾದ ಬೌದ್ಧ ದೇವಾಲಯ ಇದು. 1855ರ ಭೂಕಂಪದಲ್ಲಿ ಸತ್ತ ಯೂಜೊಗಳ ಹೆಣಗಳನ್ನು ಇಲ್ಲಿ ತಂದು ಹಾಕಿದ್ದರಿಂದ 'ಎಸೆದುಹೋಗುವ ಗುಡಿ' ಎಂಬ ಅಡ್ಡಹೆಸರು ಬಿತ್ತು. ಒಟ್ಟು ಸುಮಾರು 25,000 ಹೆಣ್ಣುಮಕ್ಕಳು ಇಲ್ಲಿದ್ದಾರೆ ಎಂಬ ಲೆಕ್ಕ. ಮುಖ್ಯ ಕಟ್ಟಡದ ಹಿಂದೆ, ಗೋರಿಗಳ ಸಾಲಿನಲ್ಲಿ, ಅವರೆಲ್ಲರ ಹೆಸರಿನಲ್ಲಿ ಒಂದು ಸ್ಮಾರಕ. ಬಗ್ಗಿ ಅದರ ಬುಡದ ಜಾಲಂಧ್ರದೊಳಗೆ ನೋಡಿ: ಬೂದಿ ಇಟ್ಟ ಮಡಕೆಗಳು, ಒಂದರ ಪಕ್ಕ ಒಂದು. ವಿವರಣೆ ಹೊರಗೇ ಕೊಟ್ಟು ಮುಗಿಸಿ, ಇಲ್ಲಿ ಮಾತು ಬೇಡ. ಬೇರೆಯವರ ಮನೆತನದ ಗೋರಿಗಳೂ ಇವೆ, ಅವುಗಳ ಫೋಟೊ ತೆಗೆಯಬಾರದು. ಇದನ್ನು ಮೊದಲು ನೋಡಿದ ಗುಂಪಿಗೆ ಮುಂದೆ ಸೋಪ್‌ಲ್ಯಾಂಡ್ ಎದುರು "ಮೆಲ್ಲಗೆ ಮಾತಾಡಿ" ಎಂದು ಹೇಳುವ ಕೆಲಸ ಉಳಿಯುವುದಿಲ್ಲ.

ಅಲ್ಲಿಂದ ದೊತೆ-ದೋರಿ ಹಿಡಿದು ಆಗ್ನೇಯಕ್ಕೆ ಸುಮಾರು ಒಂದು ಕಿಲೋಮೀಟರ್. 'ದೊತೆ' ಅಂದರೆ ಏರಿ. ನಮ್ಮ ಕೆರೆ ಏರಿಯಂಥದೇ ಒಂದು ಉದ್ದನೆಯ ಏರಿ ಇಲ್ಲಿತ್ತು, ಪಕ್ಕದಲ್ಲಿ ಕಾಲುವೆ. ಗಿರಾಕಿಗಳು ಸುಮಿದಾ ನದಿಯಿಂದ ಸಣ್ಣ ದೋಣಿಯಲ್ಲಿ ಬಂದು ಇಳಿದು ಈ ಏರಿಯ ಮೇಲೆ ನಡೆಯುತ್ತಿದ್ದರು. ಈಗ ಏರಿಯೂ ಸಪಾಟು, ಕಾಲುವೆಯೂ ಮುಚ್ಚಿದೆ.

ಬಲಗಡೆ ಪೆಟ್ರೋಲ್ ಪಂಪಿನ ಹತ್ತಿರ ಒಂದು ಸಣಕಲು ವಿಲ್ಲೋ ಮರ, ಬುಡದಲ್ಲಿ ಕಲ್ಲು. ಮರಳುವವರು ಇಲ್ಲಿ ನಿಂತು ಹಿಂದಿರುಗಿ ನೋಡುತ್ತಿದ್ದರಂತೆ, ಹಾಗಾಗಿ 'ಮಿಕಾಯೆರಿ ಯಾನಾಗಿ', ತಿರುಗಿನೋಡುವ ವಿಲ್ಲೋ. ಈಗಿನದು ಮತ್ತೆ ಮತ್ತೆ ನೆಟ್ಟು ಉಳಿಸಿಕೊಂಡ ಮರ. ಗುಂಪಿನಲ್ಲಿ ಇಲ್ಲಿ ನಿರಾಸೆ ಖಂಡಿತ. ಇಷ್ಟು ದೂರ ಬಂದದ್ದು ಈ ಗಿಡಕ್ಕಾ ಎನ್ನುತ್ತಾರೆ. ಆಗ ಬಾಯಿಮಾತು ಬಿಟ್ಟು ಒಂದು ಪ್ರಯೋಗ ಮಾಡಿಸಿ. ಮರಕ್ಕೆ ಬೆನ್ನು ಕೊಟ್ಟು ನಿಂತು, ಪಕ್ಕದ ರಸ್ತೆಯಲ್ಲಿ ಎಷ್ಟು ದೂರ ಕಣ್ಣು ಹೋಗುತ್ತದೆ ನೋಡಿ ಎನ್ನಿ. ಹೋಗುವುದಿಲ್ಲ. ರಸ್ತೆ ಹಾವಿನಂತೆ ಬಾಗಿದೆ, ಅಕ್ಕಪಕ್ಕದ ಮನೆಗಳು ನೋಟವನ್ನು ಕತ್ತರಿಸುತ್ತವೆ. ಗೊಜಿಕ್ಕೆನ್ ಎಂಬ ಈ ದಾರಿಯನ್ನು ಬೇಕೆಂದೇ ಬಾಗಿಸಿದ್ದು, ಏರಿಯ ಮೇಲೆ ಹೋಗುವ ದೊಡ್ಡವರ ಕಣ್ಣಿಗೆ ಒಳಗಿನದು ಬೀಳಬಾರದೆಂದು. ಸುತ್ತ ಕಟ್ಟಡಗಳೆಲ್ಲ ಬದಲಾದರೂ ಬಾಗು ಹಾಗೇ ಉಳಿದಿದೆ. ಎರಡನೆಯ ತಿರುವು ದಾಟುವ ತನಕ ಬಾಗಿಲಿನ ಜಾಗ ಕಾಣುವುದಿಲ್ಲ. ಇಲ್ಲಿ ನೂರೈವತ್ತು ಹೆಜ್ಜೆಗೆ ಐದು ನಿಮಿಷ ಕೊಡಿ.

ಈ ದಾರಿಯಲ್ಲೇ ತ್ಸುತಾಯಾ ಜೂಜಾಬುರೊ (1750–1797) ಪುಸ್ತಕದಂಗಡಿ ಇಟ್ಟಿದ್ದ. ಹುಟ್ಟಿದ್ದೂ ಯೋಶಿವಾರಾದಲ್ಲೇ. ಯಾವ ಮನೆಯಲ್ಲಿ ಯಾರಿದ್ದಾರೆ, ದರ್ಜೆ ಏನು, ದರ ಎಷ್ಟು ಎಂಬ ಕೈಪಿಡಿಯನ್ನು ವರ್ಷಕ್ಕೆರಡು ಸಲ ಅಚ್ಚು ಹಾಕಿ ಮಾರುತ್ತಿದ್ದ.

ಒಳಗೆ

'ಓಮೊನ್', ದೊಡ್ಡ ಬಾಗಿಲು, ಈಗ ಹೆಸರು ಬರೆದ ಕಂಬಗಳು ಮಾತ್ರ. ಎಡಕ್ಕೆ ಅಧಿಕಾರಿಗಳ ಕಾವಲುಮನೆ, ಬಲಕ್ಕೆ ಯೋಶಿವಾರಾದ್ದೇ ಇನ್ನೊಂದು ಕಾವಲು. ಈ ಎರಡನೆಯದರ ಮುಖ್ಯ ಕೆಲಸ ಒಳಗಿನ ಹೆಣ್ಣು ಹೊರಗೆ ಹೋಗದಂತೆ ನೋಡುವುದು. ಹೆಂಗಸು ಹೊರಬೀಳಲು ಚೀಟಿ ಬೇಕಿತ್ತು, ಗಂಡಸಿಗೆ ಬೇಡ.

ನಾಕಾನೊಚೊ ಎಂಬ ನಡುರಸ್ತೆ ನೇರ ಮುಂದಕ್ಕೆ. ಅಡ್ಡರಸ್ತೆಗಳ ಬೋರ್ಡುಗಳಲ್ಲಿ ಎದೊ-ಚೊ, ಸುಮಿ-ಚೊ, ಕ್ಯೊ-ಮಾಚಿ ಎಂಬ ಹಳೆಯ ಹೆಸರುಗಳು ಇನ್ನೂ ಇವೆ. ವಸಂತಕ್ಕೆ ಈ ನಡುರಸ್ತೆಯಲ್ಲಿ ಹೂಬಿಡುವ ಚೆರ್ರಿ ಮರಗಳನ್ನು ಬೇರುಸಮೇತ ತಂದು ನೆಟ್ಟು, ಹೂ ಉದುರಿದ ಮೇಲೆ ಕಿತ್ತು ಒಯ್ಯುತ್ತಿದ್ದರು. ಚೆಂದದ ವಿವರ, ಇದರ ಜೊತೆಗೇ 'ಮೊನ್‌ಬಿ' ಹೇಳಿ. ಹಬ್ಬದ ದಿನ ದರ ದುಪ್ಪಟ್ಟು, ಆ ದಿನ ಗಿರಾಕಿ ಬಾರದಿದ್ದರೆ ಯೂಜೊ ತನ್ನ ದರವನ್ನು ತಾನೇ ಕಟ್ಟಬೇಕು. ಅಂದರೆ ಹಬ್ಬ ಹೆಚ್ಚಿದಷ್ಟೂ ಸಾಲ ಹೆಚ್ಚು.

ನಡುರಸ್ತೆ ಬಿಟ್ಟು ಒಂದು ಅಡ್ಡರಸ್ತೆಯ ತುದಿಗೆ ಹೋಗಿ. ಚೌಕದ ಅಂಚಿನಲ್ಲಿ ನೆಲ ತಟಕ್ಕನೆ ಇಳಿಯುತ್ತದೆ. ಕೆಲವು ಕಡೆ ಎರಡು ಮೂರು ಮೆಟ್ಟಿಲು, ಕೆಲವು ಕಡೆ ಇಳಿಜಾರು. ಅದರಾಚೆ ಹರಿಯುತ್ತಿದ್ದದ್ದು 'ಒಹಗುರೊ-ದೊಬು', ಹಲ್ಲಿಗೆ ಹಚ್ಚುವ ಕಪ್ಪು ಬಣ್ಣದ ಚರಂಡಿ ಎಂದರ್ಥ. ಮೊದಲಿಗೆ ಸುಮಾರು ಒಂಬತ್ತು ಮೀಟರ್ ಅಗಲವಿದ್ದು ಆಮೇಲೆ ಕಿರಿದಾಯಿತು. ಎಲ್ಲರನ್ನೂ ಮೆಟ್ಟಿಲು ಇಳಿಸಿ, ತಿರುಗಿ ನಿಲ್ಲಿಸಿ, ಮೇಲೆ ನೋಡಿಸಿ. ಮೊಣಕಾಲೆತ್ತರದ ವ್ಯತ್ಯಾಸ ಅಷ್ಟೇ. ಇಡೀ ನಡಿಗೆಯಲ್ಲಿ ಕಾಲಿಗೆ ತಾಗುವ ಇತಿಹಾಸ ಇದೊಂದೇ, ಇದನ್ನು ತಪ್ಪಿಸಬೇಡಿ.

ನಡುರಸ್ತೆಗೆ ಮರಳಿ ತುದಿಗೆ ಹೋದರೆ ಯೋಶಿವಾರಾ ಜಿಂಜಾ. ಒಳಗಿದ್ದ ಚಿಕ್ಕಪುಟ್ಟ ಇನಾರಿ (ಬೆಳೆ, ವ್ಯಾಪಾರದ ದೇವರು) ಗುಡಿಗಳನ್ನು ಒಟ್ಟುಮಾಡಿದ್ದು. ಕಾಣಿಕೆಗೆ ಐದು ಯೆನ್ ನಾಣ್ಯ ಇಟ್ಟುಕೊಂಡಿರಿ. ಕೆಲವೇ ಹೆಜ್ಜೆ ಮುಂದೆ ಬೆಂಜೈತೆನ್ ಗುಡಿ. ಬೆಂಜೈತೆನ್ ಅಂದರೆ ನಮ್ಮ ಸರಸ್ವತಿಯೇ, ಚೀನಾ ಮೂಲಕ ಅಲ್ಲಿಗೆ ಹೋದವಳು. ಇಲ್ಲಿ ಕೊಳ ಇತ್ತು. 1923ರ ಸೆಪ್ಟೆಂಬರ್ 1ರ ಭೂಕಂಪದ ಹಿಂದೆಯೇ ಬೆಂಕಿ ಎದ್ದಾಗ ಜನ ಇದಕ್ಕೆ ಹಾರಿದರು, ಹಿಂದಿನವರು ಮುಂದಿನವರ ಮೇಲೆ. 490 ಮಂದಿ ಸತ್ತರು. ಕಲ್ಲುಗುಡ್ಡದ ಮೇಲಿನ ಕನ್ನೋನ್, ಅಂದರೆ ಬೌದ್ಧರ ಕರುಣೆಯ ದೇವತೆಯ ಮೂರ್ತಿ ಅವರ ನೆನಪಿಗೆ. ಕೊಳದ ಹೆಚ್ಚಿನ ಭಾಗವನ್ನು 1959ರಲ್ಲಿ ಟೆಲಿಫೋನ್ ಕಟ್ಟಡಕ್ಕಾಗಿ ಮುಚ್ಚಿದರು. ಈಗ ಇರುವುದು ಚಿಕ್ಕ ಹೊಂಡ. ಸರಸ್ವತಿ ಎಂದ ಕೂಡಲೇ ನಮ್ಮವರು ಚಪ್ಪಲಿ ಬಿಡಲು ನೋಡುತ್ತಾರೆ. ಬೇಕಿಲ್ಲ.

ಆಮೇಲೆ ಒತೊರಿ ದೇವಸ್ಥಾನದ ಮುಂದಿನಿಂದ ಹಾದು ಹೋಗಿ. ನವೆಂಬರಿನ 'ಕೋಳಿಯ ದಿನ'ಗಳಲ್ಲಿ ಇಲ್ಲಿ ಜಾತ್ರೆ. ಆ ದಿನಗಳಲ್ಲಿ ಈ ನಡಿಗೆ ಇಟ್ಟುಕೊಳ್ಳಬೇಡಿ, ಎಂಟು ಜನರನ್ನು ಒಟ್ಟಿಗೆ ಹಿಡಿದಿಡಲು ಆಗುವುದಿಲ್ಲ. ಕೊನೆಗೆ ಇಚಿಯೊ ಮ್ಯೂಸಿಯಂ. ಹಿಗುಚಿ ಇಚಿಯೊ ಎಂಬ ಲೇಖಕಿ 1893–94ರಲ್ಲಿ ಈ ಓಣಿಯಲ್ಲಿ ಸಣ್ಣ ಕಿರಾಣಿ ಅಂಗಡಿ ನಡೆಸಿದ್ದಳು, 24ಕ್ಕೆ ಕ್ಷಯದಿಂದ ಸತ್ತಳು. 2004ರಲ್ಲಿ ಬಂದ 5,000 ಯೆನ್ ನೋಟಿನ ಮುಖ ಅವಳದೇ. ಕೈಯಲ್ಲಿ ಅಂಥ ಹಳೆಯ ನೋಟು ಇದ್ದರೆ ಮ್ಯೂಸಿಯಂ ಬಾಗಿಲಲ್ಲಿ ತೆಗೆದು ತೋರಿಸಿ.

ಊಟ

ವಿಲ್ಲೋ ಮರದ ಎದುರು ಬದಿಯಲ್ಲಿ ಹಳೆಯ ಮರದ ಕಟ್ಟಡದ ಎರಡು ಹೋಟೆಲುಗಳು ಅಕ್ಕಪಕ್ಕ ಇವೆ. ಒಂದು ತೆಂಪುರಾದ್ದು: ಹಿಟ್ಟಿನಲ್ಲಿ ಅದ್ದಿ ಕರಿದ ಸಿಗಡಿ, ಮೀನು. ಮಂಗಳೂರು ಕಡೆಯವರು ಖುಷಿಯಾಗಿ ಹೋಗಬಹುದು. ಇನ್ನೊಂದರ 'ಸಕುರಾ ನಾಬೆ' ಎಂಬ ಹೆಸರಿಗೆ ಮರುಳಾಗಬೇಡಿ. ಸಕುರಾ ಅಂದರೆ ಚೆರ್ರಿ ಹೂ ಆದರೂ ಪಾತ್ರೆಯಲ್ಲಿ ಬೇಯುವುದು ಕುದುರೆ ಮಾಂಸ. ಸಸ್ಯಾಹಾರಿಗಳು ಬರೀ ತರಕಾರಿ ಕೇಳಿದರೂ ಸಾರಿನ ತಿಳಿ ಒಣಮೀನಿನದೇ ಆಗಿರುತ್ತದೆ. ಅವರಿಗೆ ಮುಂಬೈಯಿಂದಲೇ ಖಾಖ್ರಾ, ಚಟ್ನಿಪುಡಿ ಚೀಲದಲ್ಲಿ ಹಾಕಿಸಿ. ತಿನ್ನುವುದು ಮಾತ್ರ ಎಲ್ಲಾದರೂ ಕೂತು. ರಸ್ತೆಯಲ್ಲಿ ನಡೆಯುತ್ತ ಬೇಡ, ಖಾಲಿ ಕವರು ಹಾಕಲು ಕಸದ ಡಬ್ಬಿ ಸಿಗುವುದಿಲ್ಲ, ರೂಮಿನ ತನಕ ಹೊತ್ತುಕೊಂಡೇ ಹೋಗಬೇಕು. ಮ್ಯೂಸಿಯಂನಿಂದ ಮಿನೋವಾ ಸ್ಟೇಶನ್ನಿಗೆ ಹತ್ತು ನಿಮಿಷ, ನಿಧಾನದವರಿಗೆ ಹದಿನೈದು.