ಬೀದಿಯನ್ನು ಓದುವುದು ಹೇಗೆ: ಅಧಿಕಾರ, ಭಯ, ಹೊರಗಿನ ಹಣ

ಅಧಿಕಾರ, ಭಯ, ಹೊರಗಿನ ಹಣ ಎಲ್ಲೆಲ್ಲಿ ಗುರುತು ಬಿಟ್ಟಿವೆ ಎಂದು ನಕ್ಷೆ ಬರೆಯಲು ಇಡೀ ನಗರಕ್ಕೆ ಕೈಹಾಕಬೇಡಿ. 500 ಮೀಟರ್ ಉದ್ದದ ಒಂದು ಬೀದಿ ಸಾಕು. 1:2000 ಅಳತೆಯಲ್ಲಿ (ನೆಲದ 20 ಮೀಟರ್‌ಗೆ ಹಾಳೆಯಲ್ಲಿ 1 ಸೆಂ.ಮೀ.) ಅದು ಒಂದು ಎ4 ಹಾಳೆಯಲ್ಲಿ ಹಿಡಿಸುತ್ತದೆ. ಅಳತೆ ಟೇಪು, ಮೂರು ಬಣ್ಣದ ಪೆನ್ಸಿಲ್ ಬೇಕು: ಅಧಿಕಾರಕ್ಕೆ ನೀಲಿ, ಭಯಕ್ಕೆ ಕೆಂಪು, ಜಾಗತಿಕ ಬಂಡವಾಳಕ್ಕೆ ಹಸಿರು.

ಮೊದಲ ಸುತ್ತಿನಲ್ಲಿ ನೆಲ ನೋಡಿ. ಹಾಸುಗಲ್ಲು ಥಟ್ಟನೆ ಬದಲಾಗುವ ಕಡೆ ಅನೇಕ ಸಲ ಒಡೆತನವೂ ಬದಲಾಗಿರುತ್ತದೆ. ಅಲ್ಲಿ ನೀಲಿ ಗೆರೆ ಎಳೆಯಿರಿ. ಸೂಚನಾ ಫಲಕ ಸಿಕ್ಕರೆ ಅದು ಏನನ್ನು ನಿಷೇಧಿಸಿದೆ ಎನ್ನುವುದಕ್ಕಿಂತ ಮೊದಲು ಕೆಳಗೆ ಯಾರ ಹೆಸರಿದೆ ಎಂದು ಓದಿ. ನ್ಯೂಯಾರ್ಕ್ ತನ್ನ 1961ರ ವಲಯ ನಿಯಮದಲ್ಲಿ (ಎಲ್ಲಿ ಏನು, ಎಷ್ಟು ಕಟ್ಟಬಹುದೆಂಬ ನಿಯಮ), ಜನರಿಗೆ ಅಂಗಳ ಬಿಟ್ಟುಕೊಟ್ಟ ಬಿಲ್ಡರ್‌ಗಳಿಗೆ ಹೆಚ್ಚುವರಿ ಮಹಡಿಯ ಅವಕಾಶ ಕೊಟ್ಟಿತು. ಇಂಥ ಜಾಗ ಕಣ್ಣಿಗೆ ಪಾರ್ಕು, ಕಾಗದದಲ್ಲಿ ಖಾಸಗಿ. 2011ರಲ್ಲಿ ‘ಆಕ್ಯುಪೈ ವಾಲ್ ಸ್ಟ್ರೀಟ್’ ಪ್ರತಿಭಟನಕಾರರು ಬೀಡುಬಿಟ್ಟ ಅಲ್ಲಿನ ಝುಕೋಟಿ ಪಾರ್ಕು ಕೂಡ ಖಾಸಗಿ ಒಡೆತನದ್ದೇ. ನಗರದ ಪಾರ್ಕುಗಳಂತೆ ರಾತ್ರಿ ಮುಚ್ಚುವ ನಿಯಮ ಅದಕ್ಕಿರಲಿಲ್ಲ. ಸುಮಾರು ಎರಡು ತಿಂಗಳ ಬಳಿಕ ಪೊಲೀಸರು ತೆರವು ಮಾಡಿಸಿದರು.

ಎರಡನೇ ಸುತ್ತು ಬೆಂಚು, ಗೂಟ, ಗೋಡೆಗಳದು. ವಾಹನ ನುಗ್ಗದಂತೆ ನೆಟ್ಟ ಗೂಟಗಳ ನಡುವೆ 1.2 ಮೀಟರ್‌ಗಿಂತ ಹೆಚ್ಚು ಅಂತರ ಇರಬಾರದು, ಗಾಲಿಕುರ್ಚಿಗೆ 0.9 ಮೀಟರ್ ಆದರೂ ಬೇಕು. ಗೂಟಗಳ ನಡುವೆ 2 ಮೀಟರ್ ಅಂತರ ಕಂಡರೆ ಅದು ಭದ್ರತೆಯ ವೇಷ ಅಷ್ಟೇ, ಕಾರು ಸಲೀಸಾಗಿ ಹೋಗುತ್ತದೆ. ಬೆಂಚಿನ ನಡುವಿನ ಕೈಯಾಸರೆಯನ್ನು ನೋಡಿದ ತಕ್ಷಣ, ಯಾರೂ ಮಲಗದಂತೆ ಇಟ್ಟದ್ದೆಂದು ಕೆಂಪು ಬಳಿಯಬೇಡಿ, ಹೊಸಬರು ಎಡವುವುದು ಇಲ್ಲೇ: ವಯಸ್ಸಾದವರಿಗೆ ಏಳಲು ಕೈಯಾಸರೆ ಬೇಕು. ಬೀದಿಯ ಒಂದು ಬೆಂಚಿನಲ್ಲೂ ಮೈಚಾಚಲು ಜಾಗವಿಲ್ಲ, ಪಕ್ಕದ ಕಟ್ಟೆಯ ಮೇಲೆ ಮೊಳೆಗಳೂ ಇವೆ ಎಂದಾದರೆ ಅನುಮಾನ ಬೇಡ, ಕೆಂಪು ಬಳಿಯಿರಿ.

ಭಯ ಹೋದರೂ ಅದು ಕಟ್ಟಿದ್ದು ಉಳಿಯುತ್ತದೆ. 1993ರ ಬಿಷಪ್ಸ್‌ಗೇಟ್ ಬಾಂಬಿನ ಬಳಿಕ ಸಿಟಿ ಆಫ್ ಲಂಡನ್ ತನ್ನ ಪ್ರವೇಶದಾರಿಗಳನ್ನು ಕಡಿತಗೊಳಿಸಿ ತಪಾಸಣೆ, ಕ್ಯಾಮೆರಾ ಇಟ್ಟಿತು. ಆ ಬಾಂಬಿಟ್ಟ ಐರಿಷ್ ಸಶಸ್ತ್ರ ಸಂಘಟನೆ ಐಆರ್‌ಎ ಕದನವಿರಾಮ ಸಾರಿದ ಮೇಲೂ ಅದು ಪೂರ್ತಿ ಹೋಗಲಿಲ್ಲ. ಕಾವಲಿನೊಳಗೆ ಇದ್ದದ್ದು ಜಗತ್ತಿನ ದೊಡ್ಡ ಹಣಕಾಸು ಕೇಂದ್ರಗಳಲ್ಲೊಂದು, ಹಾಗಾಗಿ ಆ ನಕ್ಷೆಯಲ್ಲಿ ಕೆಂಪಿನ ಮೇಲೆ ಹಸಿರೂ ಬೀಳಬೇಕು.

ಹಸಿರಿಗೆ ಬ್ರ್ಯಾಂಡ್ ಬೋರ್ಡು ನೋಡಿ ಮೋಸಹೋಗಬೇಡಿ. ವಿದೇಶಿ ಹೆಸರಿನ ಅಂಗಡಿಯನ್ನು ಸ್ಥಳೀಯರೇ ನಡೆಸುತ್ತಿರಬಹುದು. ಭೂದಾಖಲೆಯಲ್ಲಿ ಮಾಲೀಕ ಕಂಪನಿ ಎಲ್ಲಿ ನೋಂದಣಿಯಾಗಿದೆ, ಗುತ್ತಿಗೆ ಎಷ್ಟು ವರ್ಷದ್ದು ಎಂದು ಹುಡುಕಿ. ಹೊಸ ವಸತಿ ಗೋಪುರಗಳಿದ್ದರೆ ರಾತ್ರಿ 9ರ ನಂತರ ದೀಪವಿರುವ ಕಿಟಕಿಗಳನ್ನು ಎಣಿಸಿ. ಒಂದು ರಾತ್ರಿಯ ಎಣಿಕೆ ನಂಬುವಂಥದ್ದಲ್ಲ, ರಜೆಯೂ ಇರಬಹುದು; ಬೇರೆ ಬೇರೆ ವಾರದ ನಾಲ್ಕು ರಾತ್ರಿ ಎಣಿಸಿ. ನಾಲ್ಕೂ ಸಲ ಅದೇ ಮನೆಗಳು ಕತ್ತಲಾಗಿದ್ದರೆ ವಾಸಕ್ಕಲ್ಲ, ಹೂಡಿಕೆಗೆ ಕೊಂಡಿರುವ ಸಾಧ್ಯತೆ ಹೆಚ್ಚು. ಆಗ ಮಾತ್ರ ದಾಖಲೆಗೆ ಹೋಗಿ ತಾಳೆ ನೋಡಿ.

ಒಂದೇ ವಸ್ತುವಿಗೆ ಎರಡು ಬಣ್ಣ ಬಂದರೆ ಎರಡನ್ನೂ ಹಾಕಿ. 1853ರಿಂದ ಆಡಳಿತಾಧಿಕಾರಿ ಹೌಸ್‌ಮನ್ ಪ್ಯಾರಿಸ್‌ನಲ್ಲಿ ತೆರೆಸಿದ ಅಗಲ ರಸ್ತೆಗಳು ದಂಗೆಕೋರರ ಅಡ್ಡಗಟ್ಟೆಗಳಿಗೂ ತೊಡಕಾದವು (ಕೆಂಪು), ಅವುಗಳ ಅಡಿಯಲ್ಲೇ ಆಡಳಿತದ ಹೊಸ ಒಳಚರಂಡಿಯೂ ಹರಿಯಿತು (ನೀಲಿ).